ಪಿಕಪ್‌ಗೆ ಹೊಸ ಚಕ್ರ: ಬೋಲ್ಟು ಕೂಡಿದರಷ್ಟೇ ಸಾಲದು

ಪಿಕಪ್ ವಾಹನದ ಚಕ್ರ ಬದಲಾಯಿಸುವ ಸಂದರ್ಭ ಎರಡು ಬಗೆಯಲ್ಲಿ ಒದಗುತ್ತದೆ. ಸರಕು ಸಾಗಿಸುವ ಬೊಲೆರೊ ಪಿಕಪ್, ಟಾಟಾ ಯೋಧ, ಅಶೋಕ್ ಲೇಲ್ಯಾಂಡ್ ದೋಸ್ತ್‌ನಂತಹ ವಾಹನಗಳಲ್ಲಿ ಹೊಂಡಕ್ಕೆ ಬಿದ್ದು ಡಿಸ್ಕ್ ಬಾಗುತ್ತದೆ, ಇಲ್ಲವೇ ನಟ್ ರಂಧ್ರದ ಸುತ್ತ ಬಿರುಕು ಬಿಡುತ್ತದೆ. ಟೊಯೊಟಾ ಹೈಲಕ್ಸ್, ಇಸುಝು ವಿ-ಕ್ರಾಸ್‌ಗಳ ಮಾಲೀಕರದು ಬಹುತೇಕ ಬೇರೆ ಕಾರಣ. ಕಂಪನಿ ಕೊಟ್ಟದ್ದಕ್ಕಿಂತ ಅಗಲವಾದ, ನೋಟಕ್ಕೆ ಗಡುಸಾದ ಅಲಾಯ್ ಚಕ್ರ ಬೇಕು. ಕಾರಣ ಯಾವುದೇ ಇರಲಿ, ಅಂಗಡಿಯಲ್ಲಿ ಎದುರಾಗುವ ಮೊದಲ ಪ್ರಶ್ನೆ ಒಂದೇ: ಎಷ್ಟು ಹೋಲು, ಎಷ್ಟು ಇಂಚು?

ಈ ಎರಡು ಅಂಕಿಗಳು ಕೂಡಿದರೆ ಚಕ್ರ ಕೂರುತ್ತದೆ, ವಾಹನವೂ ಓಡುತ್ತದೆ. ಉಳಿದ ಅಳತೆಗಳು ತಪ್ಪಿದ್ದರೆ ಅದು ತಿಳಿಯುವುದು ಹಿಂಭಾಗದಲ್ಲಿ ಟನ್ ಭಾರ ಹೇರಿಕೊಂಡು ಘಾಟಿ ಇಳಿಯುವಾಗ. ಕಾರಿನ ಚಕ್ರ ಕೊಳ್ಳುವವರಿಗಿಂತ ಪಿಕಪ್ ಮಾಲೀಕರು ಹೆಚ್ಚು ಎಚ್ಚರ ವಹಿಸಬೇಕಾಗಿರುವುದು ಇದೇ ಕಾರಣಕ್ಕೆ.

ಆರು ರಂಧ್ರಗಳೆಲ್ಲ ಒಂದೇ ಅಲ್ಲ

ರಂಧ್ರಗಳ ಸಂಖ್ಯೆಯಷ್ಟೇ ಮುಖ್ಯವಾದುದು ಅವುಗಳ ಕೇಂದ್ರಗಳನ್ನು ಹಾದುಹೋಗುವ ವೃತ್ತದ ವ್ಯಾಸ. ಮಾರುಕಟ್ಟೆಯಲ್ಲಿ ಇದನ್ನು ಪಿಸಿಡಿ ಎನ್ನುತ್ತಾರೆ. ಹೈಲಕ್ಸ್, ಫಾರ್ಚೂನರ್, ವಿ-ಕ್ರಾಸ್ ಮತ್ತು ಫೋರ್ಡ್ ಎಂಡೆವರ್‌ಗಳಲ್ಲಿ ಇದು 6×139.7, ಅಂದರೆ 139.7 ಮಿ.ಮೀ. ವ್ಯಾಸದ ವೃತ್ತದ ಮೇಲೆ ಆರು ರಂಧ್ರಗಳು. ಇಂಚಿನಲ್ಲಿ ಹೇಳುವುದಾದರೆ ಐದೂವರೆ. ಆದರೆ ಆರು ರಂಧ್ರವಿರುವ ಎಲ್ಲ ಚಕ್ರಗಳಿಗೂ ಈ ಅಳತೆ ಅನ್ವಯಿಸದು. ಅಮೆರಿಕದ ಫೋರ್ಡ್ ಎಫ್-150 ಪಿಕಪ್‌ನದು 2004ರ ಮಾದರಿಯಿಂದೀಚೆಗೆ 6×135. ವ್ಯತ್ಯಾಸ ಐದು ಮಿ.ಮೀ.ಗಿಂತಲೂ ಕಡಿಮೆಯಾದ್ದರಿಂದ ಕಣ್ಣಂದಾಜಿಗೆ ಸಿಗುವುದಿಲ್ಲ. ಬಲವಂತದಿಂದ ಕೂರಿಸಿದರೆ ಸ್ಟಡ್‌ಗಳು ಓರೆಯಾಗಿ ಎಳೆದುಕೊಂಡು, ಕ್ರಮೇಣ ತುಂಡಾಗುತ್ತವೆ.

ಒಂದೇ ಕಂಪನಿಯ, ಒಂದೇ ಬಳಗದ ವಾಹನವೆಂಬ ಕಾರಣಕ್ಕೂ ನಂಬುವಂತಿಲ್ಲ. ಹೈಲಕ್ಸ್, ಫಾರ್ಚೂನರ್, ಇನೋವಾ ಕ್ರಿಸ್ಟಾ ಮೂರೂ ಟೊಯೊಟಾದ ಒಂದೇ ತಳಹದಿಯ ಮೇಲೆ ರೂಪುಗೊಂಡು ಬಿಡದಿಯ ಕಾರ್ಖಾನೆಯಿಂದಲೇ ಹೊರಬಂದವು. ಮೊದಲೆರಡರ ಪಿಸಿಡಿ ಒಂದೇ, ಕ್ರಿಸ್ಟಾದ್ದು 5×114.3.

ಅಳೆಯುವ ವಿಧಾನ ಕಷ್ಟವೇನಲ್ಲ. ಆರು ರಂಧ್ರದ ಚಕ್ರದಲ್ಲಿ ಎದುರುಬದುರಾಗಿರುವ ಎರಡು ರಂಧ್ರಗಳ ಕೇಂದ್ರದಿಂದ ಕೇಂದ್ರಕ್ಕಿರುವ ದೂರವೇ ಪಿಸಿಡಿ. ಐದು ರಂಧ್ರಗಳಿದ್ದರೆ ನೇರ ಎದುರಿನಲ್ಲಿ ರಂಧ್ರವಿರದು. ಆಗ ಅಕ್ಕಪಕ್ಕದ ಎರಡು ರಂಧ್ರಗಳ ಕೇಂದ್ರಗಳ ನಡುವಿನ ದೂರವನ್ನು 1.701ರಿಂದ ಗುಣಿಸಬೇಕು. ಪಕ್ಕದ ರಂಧ್ರಗಳ ದೂರ ಸುಮಾರು 82 ಮಿ.ಮೀ. ಬಂದರೆ ಅದು 5×139.7, ಹಳೆಯ ಜೀಪುಗಳ ಅಳತೆ.

ನಡುವಿನ ರಂಧ್ರದ ಲೆಕ್ಕ

ಹಬ್‌ನ ನಡುವೆ ಹೊರಚಾಚಿದ ದುಂಡನೆಯ ಉಬ್ಬಿನ ಮೇಲೆ ಚಕ್ರದ ಮಧ್ಯರಂಧ್ರ ಬಿಗಿಯಾಗಿ ಕೂರಬೇಕು. ಭಾರವನ್ನು ತಡೆಯುವುದು ಮುಖ್ಯವಾಗಿ ನಟ್‌ಗಳ ಬಿಗಿತದಿಂದ ಉಂಟಾಗುವ ಘರ್ಷಣೆಯೇ ಆದರೂ, ಚಕ್ರವನ್ನು ನಟ್ಟನಡುವೆ ನಿಲ್ಲಿಸುವುದು ಈ ಉಬ್ಬು. ಹೈಲಕ್ಸ್ ಮತ್ತು ಫಾರ್ಚೂನರ್‌ಗಳ ಮಧ್ಯರಂಧ್ರ 106.1 ಮಿ.ಮೀ.; ಎಂಡೆವರ್‌ನದು 93.1. ಭಾರತದಲ್ಲಿ ವಾಹನ ತಯಾರಿಕೆ ನಿಲ್ಲಿಸುವ ನಿರ್ಧಾರವನ್ನು ಫೋರ್ಡ್ 2021ರಲ್ಲಿ ಪ್ರಕಟಿಸಿತು. ಎಂಡೆವರ್‌ನಿಂದ ಕಳಚಿದ ಅಲಾಯ್ ಚಕ್ರಗಳು ಹಳೆಯ ಬಿಡಿಭಾಗಗಳ ಪೇಟೆಗೆ ಬಂದರೆ, ಪಿಸಿಡಿ ಒಂದೇ ಎಂಬ ಕಾರಣಕ್ಕೆ ಹೈಲಕ್ಸ್ ಮಾಲೀಕರ ಕಣ್ಣು ಅವುಗಳತ್ತ ಹೊರಳುವುದು ಸಹಜ. ಆದರೆ ಅವು ಹೈಲಕ್ಸ್‌ನ ಹಬ್ ಮೇಲೆ ಇಳಿಯುವುದೇ ಇಲ್ಲ. ಲೇತ್ ಯಂತ್ರಕ್ಕೆ ಹಾಕಿ ರಂಧ್ರ ದೊಡ್ಡದು ಮಾಡಿಸುವ ಉಪಾಯವೊಂದುಂಟು. ನಟ್ ರಂಧ್ರಗಳಿಗೂ ಮಧ್ಯರಂಧ್ರಕ್ಕೂ ನಡುವೆ ಇರುವ ಲೋಹವನ್ನೇ ಕೊರೆದು ತೆಗೆಯುವ ಈ ಕೆಲಸವನ್ನು ಹೊರೆ ಹೊರುವ ವಾಹನಕ್ಕೆ ಮಾಡಿಸಲೇಬಾರದು.

ಮಧ್ಯರಂಧ್ರ ದೊಡ್ಡದಾದರೆ ಅದಕ್ಕೆ ಪರಿಹಾರವಿದೆ. ಹಬ್ ಮತ್ತು ಚಕ್ರದ ನಡುವಿನ ಸಂದನ್ನು ತುಂಬುವ ಉಂಗುರಗಳು ದೊರೆಯುತ್ತವೆ. ಪ್ಲಾಸ್ಟಿಕ್ ಉಂಗುರ ಅಗ್ಗ. ಆದರೆ ಲೋಡಿನಲ್ಲಿ ಬ್ರೇಕ್ ಕಾದಾಗ ಮೆತ್ತಗಾಗುವ ಸಂಭವವಿದೆ. ಅಲ್ಯೂಮಿನಿಯಂ ಉಂಗುರವೇ ಲೇಸು. ಉಂಗುರವಿಲ್ಲದೆ ಓಡಿಸಿದಾಗ ಒಂದು ವೇಗ ದಾಟುತ್ತಿದ್ದಂತೆ ಸ್ಟೀರಿಂಗ್ ಅದುರುತ್ತದೆ. ಇದನ್ನು ಬ್ಯಾಲೆನ್ಸಿಂಗ್ ದೋಷವೆಂದು ತಿಳಿದು ಮತ್ತೆ ಮತ್ತೆ ಸೀಸದ ತುಣುಕು ಅಂಟಿಸಿಕೊಳ್ಳುವವರೇ ಹೆಚ್ಚು.

ಆಫ್‌ಸೆಟ್: ಕಾಣದ ಅಳತೆ

ಚಕ್ರ ಹಬ್‌ಗೆ ತಾಗುವ ಮುಖವು ಚಕ್ರದ ಅಗಲದ ನಡುಗೆರೆಯಿಂದ ಎಷ್ಟು ದೂರದಲ್ಲಿದೆ ಎಂಬುದೇ ಆಫ್‌ಸೆಟ್. ಈ ಮುಖ ನಡುಗೆರೆಗಿಂತ ಹೊರಬದಿಗಿದ್ದರೆ ಆಫ್‌ಸೆಟ್ ಧನ, ಒಳಬದಿಗಿದ್ದರೆ ಋಣ. ಚಕ್ರದ ಹಿಂಬದಿಯಲ್ಲಿ ಜರ್ಮನ್ ಪದದಿಂದ ಬಂದ 'ಇಟಿ' ಎಂಬ ಎರಡಕ್ಷರದ ಮುಂದೆ ಇದನ್ನು ಮಿ.ಮೀ.ಗಳಲ್ಲಿ ಅಚ್ಚೊತ್ತಿರುತ್ತಾರೆ. ಆಫ್‌ಸೆಟ್ ಕಡಿಮೆಯಾದಷ್ಟೂ ಚಕ್ರ ಹೊರಗೆ ಚಾಚುತ್ತದೆ.

ಮೂಲ ಚಕ್ರ 7.5 ಇಂಚು ಅಗಲ, ಆಫ್‌ಸೆಟ್ +30 ಎಂದು ಭಾವಿಸಿದರೆ, ಅದರ ಬದಲಿಗೆ 8.5 ಇಂಚಿನ, +10 ಆಫ್‌ಸೆಟ್‌ನ ಚಕ್ರ ಹಾಕಿದಾಗ ಏನಾಗುತ್ತದೆ? ಅಗಲ ಒಂದಿಂಚು ಹೆಚ್ಚಿದ್ದರಿಂದ ಪ್ರತಿ ಬದಿಗೆ 12.7 ಮಿ.ಮೀ. ಸೇರುತ್ತದೆ, ಆಫ್‌ಸೆಟ್ 20 ಮಿ.ಮೀ. ಇಳಿದದ್ದರಿಂದ ಇಡೀ ಚಕ್ರ ಅಷ್ಟೇ ಹೊರಗೆ ಸರಿಯುತ್ತದೆ. ಒಟ್ಟಾರೆ ಹೊರಅಂಚು 32.7 ಮಿ.ಮೀ. ಹೊರಗೆ ಹೋಗುತ್ತದೆ, ಒಳಅಂಚು 7.3 ಮಿ.ಮೀ. ಹಿಂದೆ ಸರಿಯುತ್ತದೆ. ಅಂದರೆ ಪ್ರತಿ ಬದಿಯಲ್ಲೂ ಹೆಬ್ಬೆರಳ ಅಗಲಕ್ಕೂ ಮಿಗಿಲಾದ ಚಾಚು. ಅದೇ 8.5 ಇಂಚಿನ ಚಕ್ರವನ್ನು +30ರಲ್ಲೇ ಕೊಂಡರೆ ಒಳಅಂಚು 12.7 ಮಿ.ಮೀ. ಒಳನುಗ್ಗಿ, ಮುಂದೆ ಸಸ್ಪೆನ್ಷನ್ ತೋಳಿಗೂ ಹಿಂದೆ ಕಮಾನು ಪಟ್ಟಿಗೂ ಹತ್ತಿರವಾಗುತ್ತದೆ. ಖಾಲಿ ವಾಹನದಲ್ಲಿ ತಾಗದ ಟೈರು ಹೊರೆ ಬಿದ್ದು ಪಟ್ಟಿ ಚಪ್ಪಟೆಯಾದಾಗ ಮಡ್‌ಗಾರ್ಡ್ ಒಳಗೆ ಉಜ್ಜಬಹುದು.

ಹೊರಚಾಚಿದ ಚಕ್ರ ನೋಟಕ್ಕೆ ಚೆಂದವಿರಬಹುದು. ಬೆಲೆ ತೆರುವುದು ಬೇರಿಂಗ್. ಹೊರೆಯ ಎಳೆತ ಬೇರಿಂಗ್‌ನಿಂದ ದೂರ ಸರಿದಂತೆ ಅದರ ಮೇಲಿನ ತಿರುಚು ಬಲ ಹೆಚ್ಚುತ್ತದೆ. ಮುಂದಿನ ಚಕ್ರಗಳಲ್ಲಿ ಇದರ ಜತೆಗೆ ಸ್ಟೀರಿಂಗ್ ಭಾರವಾಗುತ್ತದೆ. ಹೊಂಡಕ್ಕೆ ಬಿದ್ದಾಗ ಮತ್ತು ಬ್ರೇಕ್ ಹಿಡಿದಾಗ ಕೈಯಿಂದ ಎಳೆದುಕೊಳ್ಳುತ್ತದೆ. ಮೂಲ ಚಕ್ರವನ್ನೇ ಉಳಿಸಿಕೊಂಡು ನಡುವೆ ಸ್ಪೇಸರ್ ಹಾಕಿಸಿದರೂ ಫಲ ಇದೇ.

ಹೊರೆಯ ಅಂಕಿ

ಕೊಳ್ಳುವವರು ಕೇಳದ, ಮಾರುವವರು ತಾವಾಗಿ ಹೇಳದ ಅಂಕಿಯೆಂದರೆ ಚಕ್ರ ಹೊರಬಲ್ಲ ಗರಿಷ್ಠ ಭಾರ. ಪಿಕಪ್‌ನ ಮಟ್ಟಿಗೆ ಉಳಿದೆಲ್ಲಕ್ಕಿಂತ ಮೊದಲು ನೋಡಬೇಕಾದದ್ದು ಇದನ್ನೇ. ಉತ್ತಮ ತಯಾರಕರ ಚಕ್ರದ ಹಿಂಬದಿಯಲ್ಲಿ ಇದನ್ನು ಕಿಲೋ ಅಥವಾ ಪೌಂಡುಗಳಲ್ಲಿ ಅಚ್ಚೊತ್ತಿರುತ್ತಾರೆ, ಪೌಂಡಿನಲ್ಲಿದ್ದರೆ 2.2ರಿಂದ ಭಾಗಿಸಬೇಕು.

ಲೆಕ್ಕ ಸರಳ. ತಯಾರಕರು ಹಿಂದಿನ ಅಚ್ಚಿಗೆ 1,800 ಕಿಲೋ ಮಿತಿ ನಿಗದಿಪಡಿಸಿದ್ದರೆ ಒಂದೊಂದು ಚಕ್ರವೂ ಕನಿಷ್ಠ 900 ಕಿಲೋ ಹೊರುವಂತಿರಬೇಕು. ಪಿಸಿಡಿ ಕೂಡಿದ್ದರೂ ಕಾರಿಗೆಂದು ತಯಾರಾದ, 690 ಕಿಲೋ ಎಂದು ಅಚ್ಚೊತ್ತಿದ ಚಕ್ರ ಈ ವಾಹನಕ್ಕೆ ಸಲ್ಲದು. ಖಾಲಿ ಓಡಾಡುವಾಗ ಅದು ಚೆನ್ನಾಗಿಯೇ ಇರುತ್ತದೆ. ಪೂರ್ತಿ ಹೊರೆಯಲ್ಲಿ ಹೊಂಡ ಹಾರಿದಾಗ ಕಡ್ಡಿಯ ಬುಡದಲ್ಲಿ ಕೂದಲೆಳೆಯ ಬಿರುಕು ಹುಟ್ಟುತ್ತದೆ. ಜಪಾನಿನ ಮಾನದಂಡದಂತೆ ಪ್ರಯಾಣಿಕ ಕಾರುಗಳ ಅಲಾಯ್ ಚಕ್ರಕ್ಕೆ 'ಜೆಡಬ್ಲ್ಯುಎಲ್' ಮುದ್ರೆಯಿದ್ದರೆ, ಟ್ರಕ್ ಮತ್ತು ಬಸ್ಸುಗಳ ಚಕ್ರಕ್ಕೆ 'ಜೆಡಬ್ಲ್ಯುಎಲ್-ಟಿ' ಎಂಬ ಪ್ರತ್ಯೇಕ ಮುದ್ರೆಯಿದೆ. ಪಿಕಪ್‌ಗೆ ಎರಡನೆಯದನ್ನು ಹುಡುಕುವುದು ಕ್ಷೇಮ. ಮುದ್ರೆಯೂ ಇಲ್ಲದ, ಭಾರದ ಅಂಕಿಯೂ ಇಲ್ಲದ ಚಕ್ರವನ್ನು ಎಷ್ಟೇ ಅಗ್ಗವಾಗಿದ್ದರೂ ಅಲ್ಲೇ ಬಿಟ್ಟು ಬರುವುದು ಒಳಿತು.

ಟೈರಿನಲ್ಲೂ ಇದೇ ಎಚ್ಚರ ಬೇಕು. ಟೈರಿನ ಅಳತೆಯ ಪಕ್ಕದಲ್ಲಿರುವ ಹೊರೆ ಸೂಚ್ಯಂಕ 91 ಎಂದಿದ್ದರೆ 615 ಕಿಲೋ, 100ಕ್ಕೆ 800, 104ಕ್ಕೆ 900, 112ಕ್ಕೆ 1,120. ಚಕ್ರ ಮತ್ತು ಟೈರುಗಳಲ್ಲಿ ಯಾವುದು ಕಡಿಮೆಯೋ ಅದೇ ವಾಹನದ ಮಿತಿ.

ದಿನವೂ ಲೋಡು ಎತ್ತುವ ವಾಹನಕ್ಕೆ ಮೂಲ ಅಳತೆಯ ಉಕ್ಕಿನ ಡಿಸ್ಕ್‌ಗೆ ಸಾಟಿಯಿಲ್ಲ. ಹೊಡೆತ ಬಿದ್ದಾಗ ಉಕ್ಕು ಸಾಮಾನ್ಯವಾಗಿ ಬಾಗುತ್ತದೆ, ಅಲಾಯ್ ಒಡೆಯುತ್ತದೆ. ಹಳೆಯ ಡಿಸ್ಕ್ ಕೊಳ್ಳುವುದಾದರೆ ಹೊಳೆಯುವ ಬಣ್ಣಕ್ಕೆ ಮರುಳಾಗಬಾರದು. ಬಿರುಕು ಅಡಗುವುದೇ ಅದರಡಿ. ನಟ್ ರಂಧ್ರದಿಂದ ತುಕ್ಕಿನ ಗೆರೆ ಹೊರಟಿದ್ದರೆ ಆ ಚಕ್ರ ಸಡಿಲ ನಟ್‌ನಲ್ಲಿ ಓಡಿದೆ ಎಂದರ್ಥ. ನಟ್ ಕೂರುವ ಜಾಗದಲ್ಲಿ ದಪ್ಪಗೆ ಬಣ್ಣ ಬಳಿದಿದ್ದರೆ, ಓಡಾಟದಲ್ಲಿ ಬಣ್ಣ ಸವೆದು ಬಿಗಿ ತಾನಾಗಿಯೇ ಸಡಿಲುತ್ತದೆ. ಟ್ಯೂಬ್ ಟೈರಿಗೆಂದು ಮಾಡಿದ ರಿಮ್‌ಗೆ ಟ್ಯೂಬ್‌ಲೆಸ್ ಟೈರು ಏರಿಸುವ ಮುನ್ನ, ಟೈರಿನ ಅಂಚನ್ನು ಹಿಡಿದಿಡುವ ಉಬ್ಬು ರಿಮ್‌ನ ಒಳಸುತ್ತಿನಲ್ಲಿ ಇದೆಯೇ ಎಂದು ನೋಡಬೇಕು.

ವ್ಯಾಸ ಬದಲಾದರೆ

ಚಕ್ರ ದೊಡ್ಡದಾದರೂ ಟೈರಿನ ಹೊರವ್ಯಾಸ ಮೊದಲಿನಷ್ಟೇ ಇರಬೇಕು. ಹೈಲಕ್ಸ್ ಇದಕ್ಕೆ ಒಳ್ಳೆಯ ಉದಾಹರಣೆ. 2022ರಲ್ಲಿ ಇಲ್ಲಿ ಬಿಡುಗಡೆಯಾದಾಗ ಅದಕ್ಕೆ ಎರಡು ಅಳತೆಗಳಿದ್ದವು: 265/65 ಆರ್ 17 ಮತ್ತು 265/60 ಆರ್ 18. ಮೊದಲನೆಯದರ ವ್ಯಾಸ 776 ಮಿ.ಮೀ., ಎರಡನೆಯದು 775. ಒಂದಿಂಚು ದೊಡ್ಡ ಚಕ್ರವಿದ್ದರೂ ನೆಲದಿಂದ ಎತ್ತರ ಬದಲಾಗಲಿಲ್ಲ. ಅದೇ 17 ಇಂಚಿಗೆ 265/70 ಟೈರು ಹಾಕಿದರೆ ವ್ಯಾಸ 803 ಮಿ.ಮೀ. ಆಗುತ್ತದೆ, ಶೇ 3.4ರಷ್ಟು ಹೆಚ್ಚು. ಮೀಟರು ಗಂಟೆಗೆ 100 ಕಿ.ಮೀ. ತೋರಿಸುವಾಗ ವಾಹನ ಮೊದಲಿಗಿಂತ ಸುಮಾರು ಮೂರೂವರೆ ಕಿ.ಮೀ. ಹೆಚ್ಚು ವೇಗದಲ್ಲಿರುತ್ತದೆ; ಏರಿನಲ್ಲಿ ಎಳೆಯುವ ಬಲ ಅಷ್ಟೇ ಪ್ರಮಾಣದಲ್ಲಿ ಕುಗ್ಗುತ್ತದೆ. ಚಕ್ರವನ್ನು ಚಿಕ್ಕದು ಮಾಡುವವರು ಬ್ರೇಕ್ ಕ್ಯಾಲಿಪರ್‌ಗೆ ತಾಗದಂತೆ ನೋಡಿಕೊಳ್ಳಬೇಕು.

ನಾಲ್ಕು ಚಕ್ರಕ್ಕೂ ಚಾಲನೆಯಿರುವ ಪಿಕಪ್‌ಗಳಲ್ಲಿ ಹಿಂದೊಂದು ಮುಂದೊಂದು ವ್ಯಾಸ ಇರಲೇಬಾರದು. ಮುಂದಿನ ಮತ್ತು ಹಿಂದಿನ ಅಚ್ಚುಗಳು ಒಟ್ಟಿಗೆ ಬೆಸೆದುಕೊಂಡಾಗ ಈ ವ್ಯತ್ಯಾಸದ ಒತ್ತಡವೆಲ್ಲ ಟ್ರಾನ್ಸ್‌ಫರ್ ಕೇಸ್ ಮೇಲೆ ಬೀಳುತ್ತದೆ. ಸ್ಟೆಪ್ನಿಯೂ ಈ ನಿಯಮಕ್ಕೆ ಹೊರತಲ್ಲ.

ಕಾನೂನು ಏನೆನ್ನುತ್ತದೆ

ಮೋಟಾರು ವಾಹನ ಕಾಯ್ದೆ, 1988ರ 52ನೇ ಕಲಂ ಪ್ರಕಾರ, ನೋಂದಣಿ ಪತ್ರದ ವಿವರಗಳು ತಯಾರಕರು ಮೂಲತಃ ಸೂಚಿಸಿದ್ದಕ್ಕೆ ಭಿನ್ನವಾಗುವಂತೆ ವಾಹನವನ್ನು ಮಾರ್ಪಡಿಸುವಂತಿಲ್ಲ. ಕೇರಳದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2019ರ ಜನವರಿಯಲ್ಲಿ ಈ ನಿಲುವನ್ನು ಎತ್ತಿಹಿಡಿಯಿತು. ಅದೇ ವರ್ಷದ ತಿದ್ದುಪಡಿಯಲ್ಲಿ ಸೇರಿದ 182ಎ ಕಲಂ, ಅನುಮತಿಯಿಲ್ಲದ ಪ್ರತಿ ಮಾರ್ಪಾಡಿಗೂ ಮಾಲೀಕರಿಗೆ 5,000 ರೂಪಾಯಿ ದಂಡ ಅಥವಾ ಆರು ತಿಂಗಳವರೆಗೆ ಸೆರೆವಾಸ, ಇಲ್ಲವೇ ಎರಡನ್ನೂ ವಿಧಿಸಲು ಅವಕಾಶ ಕಲ್ಪಿಸಿದೆ. ಮೂಲ ಅಳತೆಯ ಚಕ್ರಕ್ಕೆ ಅದೇ ಅಳತೆಯ ಚಕ್ರ ಹಾಕಿದವರಿಗೆ ಈ ಚಿಂತೆಯಿಲ್ಲ. ದೇಹದಿಂದ ಹೊರಚಾಚಿದ ಚಕ್ರ ಮಾತ್ರ ಸಂಚಾರ ಪೊಲೀಸರಿಗೂ, ಅಪಘಾತವಾದರೆ ವಿಮಾ ಸರ್ವೇಯರ್‌ಗೂ ದೂರದಿಂದಲೇ ಕಾಣುತ್ತದೆ.

ನಟ್ ಮತ್ತು ಪರೀಕ್ಷೆ

ಎಳೆಯ ಅಳತೆ ಒಂದೇ ಇದ್ದರೂ ನಟ್‌ನ ತಳದ ಆಕಾರ ಬೇರೆಯಾಗಿರಬಹುದು. ಶಂಕುವಿನಾಕಾರ, ಗೋಳಾಕಾರ, ವಾಷರ್ ಸಹಿತ ಚಪ್ಪಟೆ ಎಂದು ಮೂರು ಬಗೆಗಳು ಬಳಕೆಯಲ್ಲಿವೆ. ಟೊಯೊಟಾದ ಅನೇಕ ಮೂಲ ಅಲಾಯ್ ಚಕ್ರಗಳಿಗೆ ಚಪ್ಪಟೆ ವಾಷರ್‌ನ ನಟ್ ಇದ್ದರೆ, ಹೊರಗೆ ಕೊಳ್ಳುವ ಅಲಾಯ್‌ಗಳು ಹೆಚ್ಚಾಗಿ ಶಂಕುವಿನಾಕಾರದ ನಟ್ ಬಯಸುತ್ತವೆ. ಹಳೆಯ ನಟ್‌ಗಳನ್ನೇ ಹೊಸ ಚಕ್ರಕ್ಕೆ ಬಿಗಿದರೆ ತಾಗುವುದು ಅಂಚು ಮಾತ್ರ. ಪಾನಾಕ್ಕೆ ಬಿಗಿಯಾದಂತೆ ತೋರಿದರೂ ಕೆಲವು ದಿನಗಳಲ್ಲಿ ಸಡಿಲವಾಗುತ್ತದೆ. ಉಕ್ಕಿನ ಸ್ಟೆಪ್ನಿಗೆ ಬೇರೆ ಬಗೆಯ ನಟ್ ಬೇಕಾದರೆ ಅದರ ಒಂದು ಜೊತೆಯನ್ನು ವಾಹನದಲ್ಲೇ ಇಟ್ಟುಕೊಂಡಿರಬೇಕು. ನಡುರಾತ್ರಿ ಹೆದ್ದಾರಿಯಲ್ಲಿ ಅದು ಸಿಗದು.

ಟೈರು ಏರಿಸಿದ ಮೇಲೆ ಅಂಗಡಿಯವರು ಚಕ್ರ ವಾಪಸು ಪಡೆಯುವುದು ಕಷ್ಟ. ಆದ್ದರಿಂದ ಬರಿಯ ಚಕ್ರವನ್ನೇ ಮುಂದೊಂದು, ಹಿಂದೊಂದು ಕೂರಿಸಿ ನೋಡಬೇಕೆಂದು ಮೊದಲೇ ಒಪ್ಪಂದ ಮಾಡಿಕೊಳ್ಳಬೇಕು. ಹಬ್ ಮುಖದ ತುಕ್ಕನ್ನು ತಂತಿ ಬ್ರಷ್‌ನಿಂದ ಕೆರೆದು, ಚಕ್ರವನ್ನು ಕೈಯಿಂದಲೇ ತಳ್ಳಿ ಪೂರ್ತಿ ಕೂರುತ್ತದೆಯೇ ಎಂದು ಪರೀಕ್ಷಿಸಬೇಕು. ನಟ್‌ಗಳು ಬೆರಳಿನಿಂದಲೇ ಹಲವು ಸುತ್ತು ಹೋಗಬೇಕು. ಬಳಿಕ ಚಕ್ರ ತಿರುಗಿಸಿ ಕ್ಯಾಲಿಪರ್‌ಗೆ ಉಜ್ಜುವ ಸದ್ದು ಆಲಿಸಿ, ಸ್ಟೀರಿಂಗನ್ನು ಎರಡೂ ಕಡೆ ಕೊನೆಯವರೆಗೆ ಹೊರಳಿಸಬೇಕು. ಟೈರು ಏರಿಸಿದ ಮೇಲೆ ಇದೇ ಪರೀಕ್ಷೆಯನ್ನು ಹೊರೆ ಹೇರಿ ಮತ್ತೊಮ್ಮೆ ಮಾಡಬೇಕು.

ಅಂತಿಮವಾಗಿ ಬಿಗಿಯುವಾಗ ಎದುರುಬದುರಿನ ನಟ್‌ಗಳನ್ನು ಸರದಿಯಂತೆ, ವಾಹನದ ಕೈಪಿಡಿ ಹೇಳಿದಷ್ಟೇ ಬಲದಿಂದ ಟಾರ್ಕ್ ಪಾನಾದಲ್ಲಿ ಬಿಗಿಯಬೇಕು. ಗಾಳಿಯ ಗನ್ನಿನ ಒಂದೇ ಹೊಡೆತಕ್ಕೆ ಬಿಡಬಾರದು. 80ರಿಂದ 100 ಕಿ.ಮೀ. ಓಡಿದ ನಂತರ, ಚಕ್ರ ತಣ್ಣಗಿರುವಾಗ, ಮತ್ತೊಮ್ಮೆ ಬಿಗಿ ನೋಡಬೇಕು.