ಕಿಟಕಿಯಿಲ್ಲದ ಮಹಡಿಗಳು: ನ್ಯೂಯಾರ್ಕಿನ 30 ರಾಕ್‌ಫೆಲ್ಲರ್ ಪ್ಲಾಜಾ

ನಗರದ ಬಹುಮಹಡಿ ಕಚೇರಿ ಕಟ್ಟಡದ ಅಗತ್ಯಗಳೂ ಪ್ರಸಾರ ಸ್ಟುಡಿಯೊದ ಅಗತ್ಯಗಳೂ ಒಂದಕ್ಕೊಂದು ಹೊಂದುವಂಥವಲ್ಲ. ಕಚೇರಿಯ ಬಾಡಿಗೆಯನ್ನು ನಿರ್ಧರಿಸುವುದು ಅದರ ಕಿಟಕಿಗಳು. ಗಾಳಿ ಬೆಳಕು ಬರುವ ಜಾಗಕ್ಕೆ ಬೆಲೆ ಹೆಚ್ಚು, ಒಳಗಿನ ಕತ್ತಲೆಯ ಜಾಗಕ್ಕೆ ಕಡಿಮೆ. ಸ್ಟುಡಿಯೊಗಾದರೋ ಕಿಟಕಿಯೇ ಶತ್ರು, ಏಕೆಂದರೆ ಅದರ ಮೂಲಕ ಬೀದಿಯ ಸದ್ದೂ ಹಗಲಿನ ಬದಲಾಗುವ ಬೆಳಕೂ ಒಳಬರುತ್ತವೆ. ಕಚೇರಿಯನ್ನು ಸಾಲು ಕಂಬಗಳ ನಡುವೆ ಹೇಗೆ ಬೇಕಾದರೂ ಹಂಚಿಕೊಳ್ಳಬಹುದು, ಆದರೆ ವಾದ್ಯವೃಂದವನ್ನೋ ನಾಟಕದ ರಂಗಸಜ್ಜನ್ನೋ ಇರಿಸಬೇಕಾದ ಕೋಣೆಯ ನಡುವೆ ಒಂದು ಕಂಬವೂ ನಿಲ್ಲುವಂತಿಲ್ಲ. ಇಂಥ ವೈರುಧ್ಯವಿದ್ದರೂ ಇಪ್ಪತ್ತನೆಯ ಶತಮಾನದ ಪ್ರಸಾರ ಸಂಸ್ಥೆಗಳು ನಗರದ ನಟ್ಟನಡುವಿನ ಕಚೇರಿ ಗೋಪುರಗಳಲ್ಲೇ ನೆಲೆಯೂರಿದವು. ಇದು ಹೇಗೆ ಸಾಧ್ಯವಾಯಿತು ಎಂಬುದಕ್ಕೆ ನ್ಯೂಯಾರ್ಕಿನ ಮ್ಯಾನ್‌ಹಟನ್‌ನಲ್ಲಿರುವ 30 ರಾಕ್‌ಫೆಲ್ಲರ್ ಪ್ಲಾಜಾ ಎಂಬ ಕಟ್ಟಡದ ಚರಿತ್ರೆ ಒಳ್ಳೆಯ ನಿದರ್ಶನ. 1933ರಲ್ಲಿ ರೇಡಿಯೊಗಾಗಿ ಕಟ್ಟಿದ ಅದರ ಸ್ಟುಡಿಯೊಗಳಿಂದ ಇಂದಿಗೂ ಟೆಲಿವಿಷನ್ ಕಾರ್ಯಕ್ರಮಗಳು ಪ್ರಸಾರವಾಗುತ್ತಿವೆ.

ಈ ಕಟ್ಟಡ ನಿಂತಿರುವ ನೆಲಕ್ಕೆ ಮೊದಲು ಪ್ರಸಾರದ ಗಂಧವೇ ಇರಲಿಲ್ಲ. 1801ರಲ್ಲಿ ಡೇವಿಡ್ ಹೊಸ್ಯಾಕ್ ಎಂಬ ವೈದ್ಯ ಅಲ್ಲಿ ಎಲ್ಗಿನ್ ಹೆಸರಿನ ಸಸ್ಯೋದ್ಯಾನವನ್ನು ಆರಂಭಿಸಿದ್ದರು. ಅದನ್ನು ನಡೆಸಲಾಗದೆ ಅವರು ರಾಜ್ಯ ಸರ್ಕಾರಕ್ಕೆ ಮಾರಿದ ಮೇಲೆ 1814ರಲ್ಲಿ ಆ ನೆಲ ಕೊಲಂಬಿಯ ಕಾಲೇಜಿಗೆ, ಅಂದರೆ ಇಂದಿನ ಕೊಲಂಬಿಯ ವಿಶ್ವವಿದ್ಯಾಲಯಕ್ಕೆ, ದಾನವಾಗಿ ಬಂತು. ನಗರ ಉತ್ತರಕ್ಕೆ ಬೆಳೆದಂತೆ ಅಲ್ಲಿ ಸಾಲುಮನೆಗಳು ಎದ್ದವು, ಅವು ಹಳತಾದಂತೆ ಅಂಗಡಿ, ವಸತಿಗೃಹಗಳಾಗಿ ಮಾರ್ಪಟ್ಟವು. 1928ರಲ್ಲಿ ತೈಲೋದ್ಯಮಿ ಮನೆತನದ ಜಾನ್ ಡಿ. ರಾಕ್‌ಫೆಲ್ಲರ್ ಜೂನಿಯರ್ ವರ್ಷಕ್ಕೆ 30 ಲಕ್ಷ ಡಾಲರಿಗೂ ಮೀರಿದ ಬಾಡಿಗೆಗೆ ಈ ಜಾಗವನ್ನು ಗುತ್ತಿಗೆ ಹಿಡಿದಾಗ ಅವರ ಉದ್ದೇಶ ಮೆಟ್ರೊಪಾಲಿಟನ್ ಒಪೆರಾ ಸಂಸ್ಥೆಗೆ ಹೊಸ ರಂಗಮಂದಿರ ಕಟ್ಟಲು ನೆರವಾಗುವುದಾಗಿತ್ತು. ಒಪೆರಾ ಎಂದರೆ ಸಂಭಾಷಣೆಯನ್ನು ಬಹುಮಟ್ಟಿಗೆ ಹಾಡಿನಲ್ಲೇ ನಡೆಸುವ ಯುರೋಪಿನ ಸಂಗೀತನಾಟಕ. 1929ರ ಅಕ್ಟೋಬರಿನಲ್ಲಿ ಷೇರುಪೇಟೆ ಕುಸಿದ ಮೇಲೆ ಒಪೆರಾ ಸಂಸ್ಥೆ ಹಿಂದೆ ಸರಿಯಿತು. ರಾಕ್‌ಫೆಲ್ಲರ್ ಕೈಯಲ್ಲಿ ಉಳಿದದ್ದು ವರ್ಷವರ್ಷವೂ ಬಾಡಿಗೆ ಕಟ್ಟಲೇಬೇಕಾದ ಗುತ್ತಿಗೆ ಮಾತ್ರ.

ಆ ಕುಸಿತದ ಕಾಲದಲ್ಲಿಯೂ ಬೆಳೆಯುತ್ತಿದ್ದ ಕೆಲವೇ ಉದ್ಯಮಗಳಲ್ಲಿ ರೇಡಿಯೊ ಒಂದು. ರೇಡಿಯೊ ಪೆಟ್ಟಿಗೆಗಳನ್ನು ಮಾರುತ್ತಿದ್ದ ರೇಡಿಯೊ ಕಾರ್ಪೊರೇಷನ್ ಆಫ್ ಅಮೆರಿಕ (ಆರ್‌ಸಿಎ) 1926ರಲ್ಲಿ ನ್ಯಾಷನಲ್ ಬ್ರಾಡ್‌ಕಾಸ್ಟಿಂಗ್ ಕಂಪನಿಯನ್ನು (ಎನ್‌ಬಿಸಿ) ಹುಟ್ಟುಹಾಕಿತ್ತು. ಇದು ಬೇರೆ ಬೇರೆ ಊರುಗಳ ನಿಲಯಗಳನ್ನು ದೂರವಾಣಿ ತಂತಿಗಳಿಂದ ಜೋಡಿಸಿ ಒಂದೇ ಕಾರ್ಯಕ್ರಮವನ್ನು ಏಕಕಾಲದಲ್ಲಿ ಬಿತ್ತರಿಸುವ ಜಾಲವಾಗಿತ್ತು. ಫಿಫ್ತ್ ಅವೆನ್ಯೂದಲ್ಲಿದ್ದ ಅದರ ಸ್ಟುಡಿಯೊಗಳು ಕೆಲವೇ ವರ್ಷಗಳಲ್ಲಿ ಸಾಲದಾಗಿದ್ದವು. ಹೀಗೆ ನೆಲವಿದ್ದು ಬಾಡಿಗೆದಾರರಿಲ್ಲದ ರಾಕ್‌ಫೆಲ್ಲರ್ ಮತ್ತು ಕೇಳುಗರಿದ್ದು ಜಾಗವಿಲ್ಲದ ಆರ್‌ಸಿಎ 1930ರಲ್ಲಿ ಮಾತುಕತೆಗೆ ಕೂತರು. ಒಪೆರಾ ಇರಬೇಕಾಗಿದ್ದ ಕಡೆ ಆರ್‌ಸಿಎ ಹೆಸರಿನ ಗೋಪುರ ಏಳುವುದೆಂದು ನಿಶ್ಚಯವಾಯಿತು. ಸಂಕೀರ್ಣದ ಪಶ್ಚಿಮ ಭಾಗಕ್ಕೆ ರೇಡಿಯೊ ಸಿಟಿ ಎಂಬ ಹೆಸರು ಬಿತ್ತು. ಇಡೀ ಸಂಕೀರ್ಣಕ್ಕಾಗಿ 228 ಹಳೆಯ ಕಟ್ಟಡಗಳನ್ನು ಕೆಡವಲಾಯಿತು, ಸುಮಾರು 4,000 ಬಾಡಿಗೆದಾರರು ಜಾಗ ಬಿಡಬೇಕಾಯಿತು.

ಸಂಕೀರ್ಣವನ್ನು ರೂಪಿಸಿದ್ದು ಮೂರು ವಾಸ್ತುಶಿಲ್ಪ ಸಂಸ್ಥೆಗಳ ಕೂಟ. ಅದರಲ್ಲಿ ಗೋಪುರದ ಆಕಾರದ ಮೇಲೆ ಹೆಚ್ಚಿನ ಪ್ರಭಾವ ಬೀರಿದವರು ರೇಮಂಡ್ ಹುಡ್. ಲಿಫ್ಟುಗಳನ್ನೂ ಶೌಚಾಲಯಗಳನ್ನೂ ಗೋಪುರದ ನಡುಭಾಗದಲ್ಲಿ ಒಟ್ಟುಗೂಡಿಸಿ, ಅವುಗಳ ಸುತ್ತ 27 ಅಡಿ ಅಗಲದ ಕಚೇರಿ ಜಾಗವನ್ನು ಮಾತ್ರ ಬಿಡಬೇಕೆಂಬುದು ಅವರ ಸೂತ್ರ. ಹಾಗೆ ಮಾಡಿದರೆ ಯಾವ ಮೇಜೂ ಕಿಟಕಿಯಿಂದ 27 ಅಡಿಗಿಂತ ದೂರವಿರುವುದಿಲ್ಲ. ಮೇಲೆ ಹೋದಂತೆ ಕೆಲವು ಲಿಫ್ಟುಗಳು ಕೆಳಗಿನ ಮಹಡಿಗಳಲ್ಲೇ ನಿಂತುಹೋಗುವುದರಿಂದ ನಡುಭಾಗ ಕಿರಿದಾಗುತ್ತದೆ, ಅದರ ಜೊತೆಗೆ ಹೊರಗೋಡೆಯೂ ಅಷ್ಟೇ ಒಳಕ್ಕೆ ಸರಿಯುತ್ತದೆ. ಬೀದಿಗೆ ಬೆಳಕು ಬೀಳಲೆಂದು ಕಟ್ಟಡಗಳು ಮೇಲೇರಿದಂತೆ ಹಿಂದೆ ಸರಿಯಬೇಕೆಂದು 1916ರ ನಗರ ಕಾನೂನು ವಿಧಿಸಿದ್ದರೂ, ಈ ಗೋಪುರದ ಮೆಟ್ಟಿಲುಗಳಂಥ ಅಂಚುಗಳಿಗೆ ಆ ಕಾನೂನಿಗಿಂತ ಲಿಫ್ಟುಗಳ ಲೆಕ್ಕಾಚಾರವೇ ಮುಖ್ಯ ಕಾರಣ. 850 ಅಡಿ ಎತ್ತರಕ್ಕೆ ತೆಳುವಾದ ಹಲಗೆಯಂತೆ ಎದ್ದು ನಿಂತ ಈ ಗೋಪುರ ಕಿಟಕಿಯ ಬೆಳಕಿನ ಮೌಲ್ಯವನ್ನು ಅಡಿಗಳಲ್ಲಿ ಅಳೆದು ಕಟ್ಟಿದ ಕಟ್ಟಡವೆನ್ನಬಹುದು.

ಇಂಥ ಗೋಪುರದಲ್ಲಿ ಕಿಟಕಿ ಬೇಡವೆನ್ನುವ ಬಾಡಿಗೆದಾರನನ್ನು ಎಲ್ಲಿ ಇರಿಸಬೇಕು ಎಂಬ ಪ್ರಶ್ನೆಗೆ ಕಟ್ಟಡದ ಮೂರು ಭಾಗಗಳ ವಿನ್ಯಾಸವೇ ಉತ್ತರ. ಪೂರ್ವಕ್ಕೆ 66 ಮಹಡಿಗಳ ಕಚೇರಿ ಗೋಪುರವಿದೆ, ಪಶ್ಚಿಮದ ತುದಿಯಲ್ಲಿ ಸಿಕ್ಸ್ತ್ ಅವೆನ್ಯೂದ ಕಡೆಗೆ 16 ಮಹಡಿಗಳ ಇನ್ನೊಂದು ಕಚೇರಿ ಭಾಗವಿದೆ, ಇವೆರಡರ ನಡುವೆ ಕಿಟಕಿಗಳಿಲ್ಲದ ತಗ್ಗು ಭಾಗವಿದೆ. ಎನ್‌ಬಿಸಿಯ ಸ್ಟುಡಿಯೊಗಳು ನೆಲೆಗೊಂಡದ್ದು ಈ ನಡುವಿನ ಭಾಗದಲ್ಲಿ. ಅದರ ಮೇಲೆ ಅರವತ್ತು ಮಹಡಿಗಳ ಭಾರ ಇಲ್ಲದ್ದರಿಂದ ಕಂಬಗಳಿಲ್ಲದ ವಿಶಾಲ ಕೋಣೆಗಳನ್ನು ಕಟ್ಟುವುದು ಸುಲಭವಾಯಿತು. ಎರಡೂ ಬದಿಯ ಕಚೇರಿಗಳು ಅವೆನ್ಯೂಗಳ ಗದ್ದಲಕ್ಕೆ ಅಡ್ಡವಾಗಿ ನಿಂತವು. ಲಂಡನ್ನಿನ ಬಿಬಿಸಿ ಸಂಸ್ಥೆ 1932ರಲ್ಲಿ ತೆರೆದ ಬ್ರಾಡ್‌ಕಾಸ್ಟಿಂಗ್ ಹೌಸ್‌ನಲ್ಲಿಯೂ ಇದೇ ತರ್ಕವಿತ್ತು. ಅಲ್ಲಿ ದಪ್ಪ ಇಟ್ಟಿಗೆ ಗೋಡೆಯ ಗೋಪುರವೊಂದನ್ನು ನಡುವೆ ಎಬ್ಬಿಸಿ, ಸ್ಟುಡಿಯೊಗಳನ್ನು ಅದರೊಳಗಿರಿಸಿ, ಬೆಳಕು ಬೇಕಾದ ಕಚೇರಿಗಳನ್ನು ತೊಗಟೆಯಂತೆ ಸುತ್ತಲೂ ಜೋಡಿಸಲಾಗಿತ್ತು. ಆದರೂ ನೆಲದಡಿಯ ರೈಲಿನ ಗುಡುಗು ಒಳಗೆ ಕೇಳಿಸದೆ ಇರಲಿಲ್ಲ.

ಗೋಡೆ ದಪ್ಪವಾದರೆ ಸಾಲದು ಎಂಬುದನ್ನು ಲಂಡನ್ನಿನ ಆ ರೈಲು ತೋರಿಸುತ್ತದೆ. ಗಾಳಿಯಲ್ಲಿ ಬರುವ ಸದ್ದನ್ನು ಗೋಡೆ ತಡೆಯುತ್ತದೆ, ಆದರೆ ಕಟ್ಟಡದ ಉಕ್ಕಿನ ಚೌಕಟ್ಟಿನಲ್ಲಿ ಹರಿದುಬರುವ ಕಂಪನವನ್ನು ಅದು ತಡೆಯಲಾರದು. ಸಿಕ್ಸ್ತ್ ಅವೆನ್ಯೂದ ಮೇಲೆ, ಕಬ್ಬಿಣದ ಕಂಬಗಳ ಮೇಲಿನ ಹಳಿಗಳಲ್ಲಿ, 1938ರವರೆಗೂ ರೈಲುಗಳು ಓಡುತ್ತಿದ್ದುದರಿಂದ ನ್ಯೂಯಾರ್ಕಿನಲ್ಲಿ ಈ ಸಮಸ್ಯೆ ಕಣ್ಣೆದುರಿಗೇ ಇತ್ತು. ಆದ್ದರಿಂದ ಎನ್‌ಬಿಸಿಯ ಸ್ಟುಡಿಯೊಗಳನ್ನು ಕೋಣೆಯೊಳಗಿನ ಕೋಣೆಗಳಾಗಿ ಕಟ್ಟಲಾಯಿತು. ಒಳಗಿನ ನೆಲ, ಗೋಡೆ, ಚಾವಣಿ ಯಾವುದೂ ಹೊರಗಿನ ಚೌಕಟ್ಟನ್ನು ನೇರವಾಗಿ ಮುಟ್ಟದೆ, ಸ್ಪ್ರಿಂಗು ಮತ್ತು ಉಣ್ಣೆಯ ಮೆತ್ತೆಗಳ ಆಧಾರದ ಮೇಲೆ ತೇಲಿದಂತಿರುತ್ತವೆ. ಕಿಟಕಿಗಳಿಲ್ಲದ ಈ ಮುಚ್ಚಿದ ಪೆಟ್ಟಿಗೆಗಳೊಳಗೆ ಮನುಷ್ಯರು ಉಸಿರಾಡಬೇಕಾದ್ದರಿಂದ, ಹವಾನಿಯಂತ್ರಣ ಇನ್ನೂ ಅಪರೂಪವಾಗಿದ್ದ ಆ ಕಾಲದಲ್ಲೇ, ದೊಡ್ಡ ಪ್ರಮಾಣದ ಹವಾನಿಯಂತ್ರಣ ವ್ಯವಸ್ಥೆಯನ್ನೂ ಅಳವಡಿಸಲಾಯಿತು.

1933ರ ನವೆಂಬರಿನಲ್ಲಿ ಸ್ಟುಡಿಯೊಗಳು ತೆರೆದಾಗ ಅವುಗಳಿಗೆ ಸಿಕ್ಕ ಹೆಸರುಗಳು ತೀರ ಸರಳವಾಗಿದ್ದವು: ಮೊದಲು ಮಹಡಿಯ ಸಂಖ್ಯೆ, ಅನಂತರ ಒಂದು ಇಂಗ್ಲಿಷ್ ಅಕ್ಷರ. ಎಂಟನೆಯ ಮಹಡಿಯ 8ಎಚ್ ಅವುಗಳಲ್ಲಿ ಎಲ್ಲಕ್ಕಿಂತ ದೊಡ್ಡದು. ಹಲವು ಮಹಡಿಗಳಷ್ಟು ಎತ್ತರದ, ಸಾವಿರಕ್ಕೂ ಹೆಚ್ಚು ಪ್ರೇಕ್ಷಕರು ಕೂರಬಹುದಾಗಿದ್ದ ಅದು ಆ ಕಾಲಕ್ಕೆ ಜಗತ್ತಿನ ಅತಿದೊಡ್ಡ ರೇಡಿಯೊ ಸ್ಟುಡಿಯೊ ಎಂದು ಹೆಸರಾಯಿತು. 1937ರ ಡಿಸೆಂಬರ್ 25ರಂದು ಇಟಲಿಯ ಸಂಗೀತ ನಿರ್ದೇಶಕ ಆರ್ತುರೊ ಟೊಸ್ಕಾನಿನಿ ಎನ್‌ಬಿಸಿಯ ವಾದ್ಯವೃಂದವನ್ನು ಮೊದಲ ಬಾರಿ ಇಲ್ಲಿಂದಲೇ ನುಡಿಸಿದರು. ಆದರೆ ಮೈಕ್ರೊಫೋನಿಗೆ ಅನುಕೂಲವಾಗಲೆಂದು ಅನುರಣನವನ್ನು, ಎಂದರೆ ವಾದ್ಯ ನಿಂತ ಮೇಲೂ ಸ್ವಲ್ಪ ಹೊತ್ತು ಸಭಾಂಗಣದಲ್ಲಿ ಉಳಿಯುವ ನಾದವನ್ನು, ಹೀರಿಕೊಳ್ಳುವಂತೆ ಕಟ್ಟಿದ್ದ ಆ ಕೋಣೆಯಲ್ಲಿ ಸಂಗೀತ ಒಣಗಿದಂತೆ ಕೇಳುತ್ತದೆಂದು ರಸಿಕರು ಆಕ್ಷೇಪಿಸಿದರು. ಸಂಗೀತದ ಪಾಲಿಗೆ ದೋಷವಾಗಿದ್ದ ಈ ಗುಣ ಮಾತಿನ ಕಾರ್ಯಕ್ರಮಗಳಿಗೆ ಅನುಕೂಲವೇ ಆಗಿತ್ತು.

ಟೆಲಿವಿಷನ್ ಈ ಕಟ್ಟಡವನ್ನು ಪ್ರವೇಶಿಸಿದ್ದು ರೇಡಿಯೊದ ಹಿತ್ತಿಲ ಬಾಗಿಲಿನಿಂದ. ಆರ್‌ಸಿಎ 1931ರಲ್ಲಿ ಎಂಪೈರ್ ಸ್ಟೇಟ್ ಕಟ್ಟಡದ ನೆತ್ತಿಯ ಮೇಲೆ ಪ್ರಾಯೋಗಿಕ ಟೆಲಿವಿಷನ್ ಪ್ರೇಷಕವನ್ನು, ಅಂದರೆ ಸಂಕೇತಗಳನ್ನು ಗಾಳಿಗೆ ಬಿಡುವ ಯಂತ್ರವನ್ನು, ಸ್ಥಾಪಿಸಿತ್ತು. 1935ರಲ್ಲಿ ರೇಡಿಯೊ ಸ್ಟುಡಿಯೊ 3ಎಚ್ ಅನ್ನು ಟೆಲಿವಿಷನ್ನಿಗಾಗಿ ಬದಲಾಯಿಸತೊಡಗಿತು. ವ್ಲಾದಿಮಿರ್ ಜ್ವೊರಿಕಿನ್ ರೂಪಿಸಿದ ಐಕನೊಸ್ಕೋಪ್ ಎಂಬ ಕ್ಯಾಮೆರಾ ನಳಿಕೆ, ಅಂದರೆ ಬೆಳಕನ್ನು ವಿದ್ಯುತ್ ಸಂಕೇತವಾಗಿ ಮಾರ್ಪಡಿಸುವ ಗಾಜಿನ ಸಾಧನ, ಒಳ್ಳೆಯ ಚಿತ್ರ ಕೊಡಬೇಕಾದರೆ ಅಪಾರ ಬೆಳಕು ಬೇಕಾಗಿತ್ತು. ಅದನ್ನು ಒದಗಿಸುವ ದೀಪಗಳ ಕಾವಿನಲ್ಲಿ ನಟರು ಬೇಯುತ್ತಿದ್ದರು. ಇಲ್ಲಿ ರೇಡಿಯೊಗಾಗಿ ಮಾಡಿದ ಏರ್ಪಾಡುಗಳು ಅನಿರೀಕ್ಷಿತವಾಗಿ ಉಪಯೋಗಕ್ಕೆ ಬಂದವು. ಸದ್ದನ್ನು ತಡೆಯಲು ಕಟ್ಟಿದ ಗೋಡೆ ಹಗಲಿನ ಬೆಳಕನ್ನೂ ತಡೆದದ್ದರಿಂದ ಬೆಳಕಿನ ನಿಯಂತ್ರಣ ಪೂರ್ತಿಯಾಗಿ ತಂತ್ರಜ್ಞರ ಕೈಗೆ ಬಂತು, ಉಸಿರಾಟಕ್ಕೆಂದು ಹಾಕಿದ್ದ ತಂಪು ಗಾಳಿಯ ಕೊಳವೆಗಳು ದೀಪಗಳ ಕಾವನ್ನು ಹೊರಸಾಗಿಸಿದವು. 1939ರ ಏಪ್ರಿಲ್ 30ರಂದು ಅಧ್ಯಕ್ಷ ರೂಸ್‌ವೆಲ್ಟ್ ನ್ಯೂಯಾರ್ಕಿನ ವಿಶ್ವ ಮೇಳವನ್ನು ಉದ್ಘಾಟಿಸಿದ ದೃಶ್ಯದೊಂದಿಗೆ ಎನ್‌ಬಿಸಿಯ ನಿಯತ ಟೆಲಿವಿಷನ್ ಸೇವೆ ಆರಂಭವಾಯಿತು. 1941ರ ಜುಲೈ 1ರಿಂದ ಜಾಹೀರಾತು ಪಡೆದು ಪ್ರಸಾರ ಮಾಡಲು ಸರ್ಕಾರದ ಪರವಾನಗಿ ಸಿಕ್ಕಿತು.

ಎರಡನೆಯ ಮಹಾಯುದ್ಧ ಮುಗಿದ ಮೇಲೆ ಕಡಿಮೆ ಬೆಳಕಿನಲ್ಲೂ ಕೆಲಸ ಮಾಡುವ ಹೊಸ ಕ್ಯಾಮೆರಾ ನಳಿಕೆಗಳು ಬಂದವು, ಮನೆಮನೆಗೂ ಟೆಲಿವಿಷನ್ ಹರಡಿತು, ರೇಡಿಯೊ ಸ್ಟುಡಿಯೊಗಳು ಒಂದೊಂದಾಗಿ ವೇಷ ಬದಲಿಸಿದವು. 1948ರಲ್ಲಿ ಮಿಲ್ಟನ್ ಬರ್ಲ್‌ರ ಹಾಸ್ಯ ಕಾರ್ಯಕ್ರಮ 6ಬಿ ಸ್ಟುಡಿಯೊದಿಂದ ಪ್ರಸಾರವಾಗತೊಡಗಿತು. 1950ರಲ್ಲಿ 8ಎಚ್ ಕೂಡ ಟೆಲಿವಿಷನ್ನಿನ ಪಾಲಾಗಿ, ಟೊಸ್ಕಾನಿನಿಯವರ ವಾದ್ಯವೃಂದ ಕಾರ್ನೆಗಿ ಹಾಲ್‌ಗೆ ಹೋಯಿತು. ಟೆಲಿವಿಷನ್ ರೇಡಿಯೊದ ಮನೆಯಲ್ಲಿ ಹುಟ್ಟಿದ ಈ ಕ್ರಮ ಅಮೆರಿಕಕ್ಕಷ್ಟೇ ಸೀಮಿತವಲ್ಲ. 1959ರ ಸೆಪ್ಟೆಂಬರ್ 15ರಂದು ಭಾರತದ ಮೊದಲ ಟೆಲಿವಿಷನ್ ಪ್ರಸಾರ ನಡೆದದ್ದೂ ದೆಹಲಿಯ ಆಕಾಶವಾಣಿ ಭವನದ ಸಣ್ಣ ಸ್ಟುಡಿಯೊದಿಂದ.

ಆದರೆ ಕಿವಿಯ ಮಾಧ್ಯಮಕ್ಕೆ ಕಟ್ಟಿದ ಮನೆ ಕಣ್ಣಿನ ಮಾಧ್ಯಮಕ್ಕೆ ಎಲ್ಲ ರೀತಿಯಲ್ಲೂ ಒಗ್ಗಲಿಲ್ಲ. ರೇಡಿಯೊ ನಾಟಕದಲ್ಲಿ ಅರಮನೆಯೊಂದು ನಟನ ಒಂದು ಮಾತಿನಿಂದ ಎದ್ದು ನಿಲ್ಲುತ್ತದೆ. ಟೆಲಿವಿಷನ್ನಿನಲ್ಲಿ ಅದೇ ಅರಮನೆಯನ್ನು ಮರ ಮತ್ತು ಬಟ್ಟೆಯಿಂದ ಕಟ್ಟಿ, ತುಂಡು ತುಂಡಾಗಿ ಲಿಫ್ಟಿನಲ್ಲಿ ಎಂಟನೆಯ ಮಹಡಿಗೆ ಸಾಗಿಸಿ, ಕಾರ್ಯಕ್ರಮ ಮುಗಿದೊಡನೆ ಮತ್ತೆ ಕೆಳಗಿಳಿಸಬೇಕು. ಇದರಿಂದಾಗಿ ಪ್ರಸಾರ ಸಂಸ್ಥೆಗಳು ನಗರದ ಅಂಚಿನಲ್ಲಿ, ಲಾರಿಗಳು ನೇರವಾಗಿ ಸ್ಟುಡಿಯೊ ಬಾಗಿಲಿಗೆ ಬರಬಹುದಾದ ಅಗಲವಾದ ಜಾಗಗಳನ್ನು ಹುಡುಕತೊಡಗಿದವು. ಸಿಬಿಎಸ್ ಜಾಲ 1952ರಲ್ಲಿ ಲಾಸ್ ಏಂಜಲಿಸ್‌ನಲ್ಲಿ ಟೆಲಿವಿಷನ್ ಸಿಟಿಯನ್ನೂ, ಬಿಬಿಸಿ 1960ರಲ್ಲಿ ಪಶ್ಚಿಮ ಲಂಡನ್ನಿನಲ್ಲಿ ಟೆಲಿವಿಷನ್ ಸೆಂಟರನ್ನೂ ತೆರೆದವು. ಎನ್‌ಬಿಸಿಯ ರಾತ್ರಿಯ ಮಾತುಕತೆಯ ಜನಪ್ರಿಯ ಕಾರ್ಯಕ್ರಮವೂ 1972ರಲ್ಲಿ 6ಬಿ ಬಿಟ್ಟು ಕ್ಯಾಲಿಫೋರ್ನಿಯದ ಬರ್ಬ್ಯಾಂಕ್ ಸೇರಿತು.

ಗೋಪುರದಲ್ಲಿ ಉಳಿದುಕೊಂಡದ್ದು ನಗರದ ಸಾಮೀಪ್ಯವಿಲ್ಲದೆ ನಡೆಯಲಾರದ ಕಾರ್ಯಕ್ರಮಗಳು: ಸುದ್ದಿ, ಸಂದರ್ಶನ, ಪ್ರೇಕ್ಷಕರ ಎದುರು ನಡೆಯುವ ನೇರ ಪ್ರಸಾರ. 1975ರ ಅಕ್ಟೋಬರ್ 11ರಂದು 8ಎಚ್‌ನಿಂದ ಆರಂಭವಾದ ಸ್ಯಾಟರ್‌ಡೇ ನೈಟ್ ಲೈವ್ ಎಂಬ ಶನಿವಾರ ರಾತ್ರಿಯ ವಿಡಂಬನೆ ಕಾರ್ಯಕ್ರಮ ಈ ಬಗೆಯದು. ಇದಕ್ಕೆ ವಿರುದ್ಧ ದಿಕ್ಕಿನ ಪ್ರಯೋಗವೂ ಇದೇ ಸಂಕೀರ್ಣದಲ್ಲಿ ನಡೆಯಿತು. 1952ರ ಜನವರಿ 14ರಂದು ಆರಂಭವಾದ ಟುಡೇ ಎಂಬ ಬೆಳಗಿನ ಕಾರ್ಯಕ್ರಮ, 49ನೇ ಬೀದಿಯಲ್ಲಿದ್ದ ಆರ್‌ಸಿಎ ಪ್ರದರ್ಶನ ಕೊಠಡಿಯಿಂದ, ದೊಡ್ಡ ಗಾಜಿನ ಆಚೆ ದಾರಿಹೋಕರು ಕಾಣುವಂತೆ ಪ್ರಸಾರವಾಯಿತು. ಸ್ಟುಡಿಯೊದಿಂದ ಎರಡು ದಶಕ ಕಾಲ ದೂರವಿಟ್ಟಿದ್ದ ಬೀದಿಯನ್ನು ಈ ಗಾಜು ಕಾರ್ಯಕ್ರಮದ ಹಿನ್ನೆಲೆಯಾಗಿ ಮಾಡಿಕೊಂಡಿತು. 1994ರಲ್ಲಿ ಅದೇ ಕಾರ್ಯಕ್ರಮ ಎದುರಿನ ಕಟ್ಟಡದ ಗಾಜಿನ ಸ್ಟುಡಿಯೊಗೆ ಬಂದ ಮೇಲೆ ಬೇರೆ ಜಾಲಗಳೂ ಈ ಮಾದರಿಯನ್ನು ಅನುಸರಿಸಿದವು.

ಕಟ್ಟಡದ ಒಡೆತನದ ಚರಿತ್ರೆ ಸ್ಟುಡಿಯೊಗಳ ಚರಿತ್ರೆಗಿಂತ ಚಂಚಲವಾದದ್ದು. 1985ರಲ್ಲಿ ಕೊಲಂಬಿಯ ವಿಶ್ವವಿದ್ಯಾಲಯ ನೆಲವನ್ನು 40 ಕೋಟಿ ಡಾಲರಿಗೆ ರಾಕ್‌ಫೆಲ್ಲರ್ ಸಮೂಹಕ್ಕೆ ಮಾರಿತು. ಮರುವರ್ಷ ಆರ್‌ಸಿಎಯನ್ನು ಜನರಲ್ ಎಲೆಕ್ಟ್ರಿಕ್ ಕೊಂಡಿತು, 1988ರಲ್ಲಿ ಆರ್‌ಸಿಎ ಕಟ್ಟಡ ಜಿಇ ಕಟ್ಟಡವಾಯಿತು. 1989ರಲ್ಲಿ ರಾಕ್‌ಫೆಲ್ಲರ್ ಸಮೂಹದ ಬಹುಪಾಲು ಜಪಾನಿನ ಮಿತ್ಸುಬಿಷಿ ಎಸ್ಟೇಟ್ ಕಂಪನಿಯ ಕೈಸೇರಿ, 1995ರಲ್ಲಿ ಸಂಕೀರ್ಣ ದಿವಾಳಿ ನ್ಯಾಯಾಲಯದ ಮೆಟ್ಟಿಲೇರಿತು. ಈ ಏರಿಳಿತಗಳ ನಡುವೆ ಎನ್‌ಬಿಸಿಯೂ ಹೊರಡುವ ಆಲೋಚನೆ ಮಾಡಿತ್ತು. ನದಿಯಾಚೆ ನ್ಯೂಜೆರ್ಸಿಯಲ್ಲಿ ಅಗ್ಗದ, ವಿಶಾಲವಾದ ಜಾಗದ ಆಯ್ಕೆ ಎದುರಿಗಿದ್ದರೂ, ನಗರಾಡಳಿತ ತೆರಿಗೆ ರಿಯಾಯಿತಿಗಳನ್ನು ನೀಡಿದ ಮೇಲೆ ಅದು 1987ರಲ್ಲಿ ಇಲ್ಲೇ ಉಳಿಯಲು ಒಪ್ಪಿತು, 1996ರಲ್ಲಿ ತಾನಿದ್ದ ಜಾಗವನ್ನು ಕೊಂಡೇಬಿಟ್ಟಿತು. 2015ರಲ್ಲಿ ಎನ್‌ಬಿಸಿಯ ಹೊಸ ಒಡೆಯ ಸಂಸ್ಥೆಯ ಹೆಸರಿನಿಂದ ಗೋಪುರ ಕಾಮ್‌ಕಾಸ್ಟ್ ಕಟ್ಟಡವಾಯಿತು.

ಕಚೇರಿಗಳನ್ನು ಒಂದು ವಾರಾಂತ್ಯದಲ್ಲಿ ಲಾರಿಗೆ ತುಂಬಿ ಬೇರೆಡೆಗೆ ಸಾಗಿಸಬಹುದು, ಆದರೆ ಸ್ಪ್ರಿಂಗಿನ ಮೇಲೆ ತೇಲಿಸಿದ ಕೋಣೆಯನ್ನು ಸಾಗಿಸಲಾಗುವುದಿಲ್ಲ, ಮತ್ತೊಂದನ್ನು ಕಟ್ಟಬೇಕು. ತೆರಿಗೆ ರಿಯಾಯಿತಿಯಷ್ಟೇ ಈ ಲೆಕ್ಕವೂ ಪ್ರಸಾರ ಸಂಸ್ಥೆಯನ್ನು ಗೋಪುರಕ್ಕೆ ಕಟ್ಟಿಹಾಕುವಂಥದು. ಬರ್ಬ್ಯಾಂಕಿಗೆ ಹೋಗಿದ್ದ ರಾತ್ರಿಯ ಕಾರ್ಯಕ್ರಮ 2014ರಲ್ಲಿ ನ್ಯೂಯಾರ್ಕಿಗೆ ಮರಳಿದಾಗ ಅದಕ್ಕಾಗಿ ಸಜ್ಜಾದದ್ದು ಅದೇ 6ಬಿ. ಹೊರಗೋಡೆಯ ಮೇಲಿನ ಹೆಸರು ಆರ್‌ಸಿಎಯಿಂದ ಜಿಇಗೆ, ಜಿಇಯಿಂದ ಕಾಮ್‌ಕಾಸ್ಟಿಗೆ ಬದಲಾದರೂ, ಒಳಗಿನ ಬಾಗಿಲುಗಳ ಮೇಲೆ ರೇಡಿಯೊದ ಕಾಲದಲ್ಲಿ ಮಹಡಿಯ ಸಂಖ್ಯೆ ಮತ್ತು ಒಂದು ಅಕ್ಷರವನ್ನು ಜೋಡಿಸಿ ಇಟ್ಟ ಹೆಸರುಗಳೇ ಬಳಕೆಯಲ್ಲಿವೆ.