ಅರ್ಜಿ ಹಾಗೂ ದಾಖಲೆಗಳಲ್ಲಿ ಸುಲಭವಾಗಿ ಓದಬಲ್ಲ ಕನ್ನಡ ಅಕ್ಷರಶೈಲಿಯ ಆಯ್ಕೆ

ಟಿಳಕವಾಡಿ ಸೇರಿದಂತೆ ಬೆಳಗಾವಿ ನಗರ ಹಾಗೂ ಖಾನಾಪುರ ತಾಲ್ಲೂಕಿನ ಅರ್ಜಿದಾರರ ಮಾಹಿತಿಗಾಗಿ

ಸೇವೆಗಳನ್ನು ಕೋರಿ ಗಣಕಯಂತ್ರದಲ್ಲಿ ಸಿದ್ಧಪಡಿಸಿದ ಅರ್ಜಿ, ಮುಚ್ಚಳಿಕೆ ಅಥವಾ ಪ್ರಮಾಣಪತ್ರಗಳನ್ನು ಸಲ್ಲಿಸುವ ಸಾರ್ವಜನಿಕರು ಅಕ್ಷರಶೈಲಿಯ (ಫಾಂಟ್) ಆಯ್ಕೆಗೆ ಗಮನ ನೀಡುವುದು ಅವಶ್ಯಕ. ಒಂದು ಅಕ್ಷರ ಅಸ್ಪಷ್ಟವಾದರೂ ಹೆಸರು ಬದಲಾಗಬಹುದು. ಆಗ ದಾಖಲೆಗಳು ಪರಸ್ಪರ ತಾಳೆಯಾಗದೆ ತಿದ್ದುಪಡಿಗಾಗಿ ಅರ್ಜಿದಾರರೇ ಮತ್ತೆ ಅಲೆಯಬೇಕಾಗುತ್ತದೆ.

ಕನ್ನಡದಲ್ಲಿ ದ–ಧ, ಬ–ಭ, ಡ–ಢ, ಚ–ಛ ಜೋಡಿಗಳ ನಡುವಿನ ಮುಖ್ಯ ವ್ಯತ್ಯಾಸವು ಕೆಳಭಾಗದ ಒಂದು ಚಿಕ್ಕ ಸೀಳು ಗೆರೆ. ನೆರಳಚ್ಚು ಪ್ರತಿಯ ನೆರಳಚ್ಚು ತೆಗೆದಾಗ ಮೊದಲು ಅಳಿಸಿಹೋಗುವುದು ಈ ಗೆರೆಯೇ. ಭೀಮಪ್ಪ ಎಂಬುದು ಬೀಮಪ್ಪ ಆಗುತ್ತದೆ. ವ ಮತ್ತು ಪ ಅಕ್ಷರಗಳೂ ಇದೇ ರೀತಿ: ವಡಗಾವಿಯನ್ನು ಪಡಗಾವಿ ಎಂದು ಓದಲು ಹೆಚ್ಚು ಮಸುಕು ಬೇಕಾಗಿಲ್ಲ. ಕನ್ನಡದ ಸೊನ್ನೆ ಹಾಗೂ ಅನುಸ್ವಾರ ಒಂದೇ ಆಕಾರದವು. ಗಡಿಭಾಗದಲ್ಲಿ ಮರಾಠಿ ದಾಖಲೆಗಳಿಂದ ಹೆಸರುಗಳನ್ನು ಕನ್ನಡಕ್ಕೆ ಬರೆದುಕೊಳ್ಳುವಾಗ ದೇವನಾಗರಿಯ ಘ ಮತ್ತು ಧ ಅಕ್ಷರಗಳನ್ನು ವಿಶೇಷವಾಗಿ ಪರಿಶೀಲಿಸತಕ್ಕದ್ದು. ಘಾಡಿ ಎಂಬ ಅಡ್ಡಹೆಸರು ಧಾಡಿ ಆಗಬಾರದು.

ಈ ತೊಡಕು ಕನ್ನಡಕ್ಕೆ ಮಾತ್ರ ಸೀಮಿತವಲ್ಲ. ಜಪಾನೀ ಲಿಪಿಯಲ್ಲಿ ಬ ಮತ್ತು ಪ ಧ್ವನಿಗಳನ್ನು ಬೇರ್ಪಡಿಸುವುದು ಎರಡು ಕಿರುಗೆರೆ ಅಥವಾ ಒಂದು ಪುಟ್ಟ ವೃತ್ತ. ಅಲ್ಲಿ ಇವಾಟಾ ಸಂಸ್ಥೆಯು 2006ರಲ್ಲಿ ಹೊರತಂದ ‘ಯುಡಿ’ ಅಕ್ಷರಶೈಲಿಯಲ್ಲಿ ಹಾಗೂ ನಂತರ ಬಂದ ಅದೇ ಬಗೆಯ ಶೈಲಿಗಳಲ್ಲಿ ಇಂತಹ ಚಿಹ್ನೆಗಳನ್ನು ಎದ್ದು ಕಾಣುವಂತೆ ರೂಪಿಸಿ, ಅಕ್ಷರದೊಳಗಿನ ಖಾಲಿ ಜಾಗವನ್ನು ಹಿಗ್ಗಿಸಲಾಗಿದೆ. ಕನ್ನಡ ಅಕ್ಷರಶೈಲಿಯನ್ನು ಆರಿಸುವಾಗಲೂ ಇದೇ ಒರೆಗಲ್ಲು: ಸೀಳು ಗೆರೆ ಸ್ಪಷ್ಟವಾಗಿರಬೇಕು, ಷ ಮತ್ತು ಘ ಒಳಗಡೆ ಮುಚ್ಚಿಹೋಗಬಾರದು.

ಯೂನಿಕೋಡ್ ಆಧಾರಿತವಾದ ನೋಟೋ ಸಾನ್ಸ್ ಕನ್ನಡ, ನಿರ್ಮಲಾ ಯುಐ ಮುಂತಾದ ಸರಳ ಶೈಲಿಗಳು ಸೂಕ್ತ. ಲಗ್ನಪತ್ರಿಕೆಗೆ ಒಪ್ಪುವ ಅಲಂಕಾರಿಕ ಅಕ್ಷರಗಳು ಅರ್ಜಿಗೆ ಒಪ್ಪುವುದಿಲ್ಲ. ಅಕ್ಷರದ ಗಾತ್ರ ಕನಿಷ್ಠ 12 ಪಾಯಿಂಟ್, ಹಿರಿಯ ನಾಗರಿಕರು ಓದಬೇಕಾದ ಪ್ರತಿಗೆ 16 ಪಾಯಿಂಟ್ ಇರುವುದು ಲೇಸು. ಒತ್ತಕ್ಷರಗಳು ಕೆಳಗಿನ ಸಾಲಿಗೆ ತಾಗದಂತೆ ಸಾಲುಗಳ ನಡುವೆ ಸಾಕಷ್ಟು ಅಂತರ ಬಿಡತಕ್ಕದ್ದು. ಬಿಳಿ ಹಾಳೆ, ಕಪ್ಪು ಮಸಿ.

ನುಡಿ, ಬರಹ ಮುಂತಾದ ತಂತ್ರಾಂಶಗಳ ಹಳೆಯ, ಯೂನಿಕೋಡ್ ಅಲ್ಲದ ಅಕ್ಷರಗಳಲ್ಲಿ ಸಿದ್ಧಪಡಿಸಿದ ಕಡತವು ಆ ಫಾಂಟ್ ಇಲ್ಲದ ಗಣಕಯಂತ್ರದಲ್ಲಿ ಅರ್ಥವಿಲ್ಲದ ಇಂಗ್ಲಿಷ್ ಅಕ್ಷರಗಳಾಗಿ ಕಾಣಿಸುತ್ತದೆ. ದೃಷ್ಟಿದೋಷವುಳ್ಳವರು ಬಳಸುವ ಎನ್‌ವಿಡಿಎಯಂತಹ ಪರದೆ ಓದುವ ತಂತ್ರಾಂಶಗಳು ಅದನ್ನು ಕನ್ನಡವೆಂದು ಗುರುತಿಸಲಾರವು; ಯೂನಿಕೋಡ್ ಪಠ್ಯವನ್ನು ಓದಬಲ್ಲವು. ಅಕ್ಷರ ಎಷ್ಟೇ ಸುಂದರವಾಗಿದ್ದರೂ ಇಂತಹ ಓದುಗರಿಗೆ ಅದು ಖಾಲಿ ಹಾಳೆಯಷ್ಟೇ. ಮುದ್ರಿತ ಹಾಗೂ ವಿದ್ಯುನ್ಮಾನ ಮಾಹಿತಿಯು ಸುಗಮವಾಗಿ ಲಭ್ಯವಾಗಬೇಕೆಂಬ ವಿಷಯವು ವಿಕಲಚೇತನರ ಹಕ್ಕುಗಳ ಅಧಿನಿಯಮ, 2016ರ 42ನೆಯ ಪ್ರಕರಣದಲ್ಲಿದೆ. ಆದ್ದರಿಂದ ಹಳೆಯ ಕಡತಗಳನ್ನು ಪರಿವರ್ತಕದ ಮೂಲಕ ಯೂನಿಕೋಡ್‌ಗೆ ಬದಲಿಸಿ, ಒತ್ತಕ್ಷರ ಹಾಗೂ ಅರ್ಕಾವೊತ್ತುಗಳನ್ನು ಮೂಲದೊಂದಿಗೆ ಒಮ್ಮೆ ತಾಳೆ ನೋಡಲು ಕೋರಲಾಗಿದೆ.

ನಾಡಕಚೇರಿ ಅಥವಾ ಕರ್ನಾಟಕ ಒನ್ ಕೇಂದ್ರಗಳಲ್ಲಿ ವಿವರಗಳನ್ನು ಸಿಬ್ಬಂದಿಯೇ ನಮೂದಿಸುವ ಸಂದರ್ಭದಲ್ಲಿ, ಅಂತಿಮವಾಗಿ ಸಲ್ಲಿಸುವ ಮೊದಲು ಹೆಸರು, ತಂದೆಯ ಹೆಸರು ಹಾಗೂ ಗ್ರಾಮದ ಹೆಸರನ್ನು ಪರದೆಯ ಮೇಲೆ ದೊಡ್ಡದಾಗಿಸಿ ತೋರಿಸುವಂತೆ ಅರ್ಜಿದಾರರು ಕೇಳಬಹುದು. ಓದಲು ಬಾರದವರು ಗಟ್ಟಿಯಾಗಿ ಓದಿಸಿಕೊಂಡು ಖಚಿತಪಡಿಸಿಕೊಳ್ಳತಕ್ಕದ್ದು.