ಪರಭಾರೆ ಮಾಡತಕ್ಕದ್ದಲ್ಲ

ವಾಷಿಂಗ್ಟನ್‌ಗೆ ಹೋದವರು ಜೆಫರ್ಸನ್ ಸ್ಮಾರಕದ ಮುಂದೆ ಒಂದು ಫೋಟೋ ತೆಗೆಸಿಕೊಳ್ಳದೆ ಬರೋದಿಲ್ಲ. ಒಳಗೆ ಹೋಗಿ ಗೋಡೆ ಓದೋರು ಮಾತ್ರ ಕಡಿಮೆ. 1943ರಲ್ಲಿ ಕಟ್ಟಿ ಮುಗಿಸಿದ ಆ ಸ್ಮಾರಕದ ಗೋಡೆ ಮೇಲೆ ಅಮೆರಿಕದ ಸ್ವಾತಂತ್ರ್ಯ ಘೋಷಣೆಯ ಸಾಲುಗಳನ್ನ ಕೆತ್ತಿದ್ದಾರೆ. ಅದರಲ್ಲಿ ಮನುಷ್ಯನ ಹಕ್ಕುಗಳಿಗೆ ಒಂದು ವಿಶೇಷಣ ಹಚ್ಚಿದೆ: 'ಇನ್‌ಏಲಿಯನಬಲ್'. ಅಲ್ಲಿಂದ ನಡೆದೇ ಹೋಗಬಹುದಾದಷ್ಟು ದೂರದಲ್ಲಿ ನ್ಯಾಷನಲ್ ಆರ್ಕೈವ್ಸ್ ಇದೆ. ಘೋಷಣೆಯ ಮೂಲ ಚರ್ಮಪತ್ರ ಇರೋದು ಅಲ್ಲಿ, ಗಾಜಿನ ಹಿಂದೆ, ಮಸುಕಾಗಿ. ಅದರಲ್ಲಿರೋ ಪದ 'ಅನ್‌ಏಲಿಯನಬಲ್'. ಒಂದು ದೇಶ ತನ್ನ ಹುಟ್ಟಿನ ಪತ್ರವನ್ನು ಚರ್ಮದ ಮೇಲೆ ಒಂದು ಥರ, ಕಲ್ಲಿನ ಮೇಲೆ ಇನ್ನೊಂದು ಥರ ಬರೆದುಕೊಂಡಿದೆ.

ತಪ್ಪೇನಲ್ಲ. ಎರಡೂ ಸರಿ, ಎರಡಕ್ಕೂ ಅರ್ಥ ಒಂದೇ. ('ಇನ್' ಅಂದ್ರೆ ನಾವು ಒಪ್ಪಿದರೆ ಬಿಟ್ಟುಕೊಡಬಹುದಾದದ್ದು, 'ಅನ್' ಅಂದ್ರೆ ಒಪ್ಪಿದರೂ ಬಿಟ್ಟುಕೊಡಲಾಗದ್ದು ಅಂತ ವಾದ ಮಾಡೋರು ಈಗಲೂ ಇದ್ದಾರೆ. 18ನೇ ಶತಮಾನದಲ್ಲಿ ಈ ಪದ ಬಳಸಿದವರು ಅಂಥ ಭೇದ ಮಾಡಿರಲಿಲ್ಲ.) 'ಇನ್' ಲ್ಯಾಟಿನ್ನಿಂದ ಬಂದ ನಕಾರ, 'ಅನ್' ಇಂಗ್ಲಿಷಿನ ಸ್ವಂತ ಮನೆಯ ನಕಾರ. ನಾವು ಒಮ್ಮೆ 'ಅಚಲ' ಅಂತೀವಿ, ಇನ್ನೊಮ್ಮೆ 'ಅಲುಗದ' ಅಂತೀವಿ. ಹಾಗೆ.

ಯಾರು ಬದಲಾಯಿಸಿದ್ದು ಅನ್ನೋದು ಸ್ವಲ್ಪ ಸ್ವಾರಸ್ಯದ ಕಥೆ. 1776ರ ಜೂನ್‌ನಲ್ಲಿ ಥಾಮಸ್ ಜೆಫರ್ಸನ್ ಬರೆದ ಕರಡು ಉಳಿದಿದೆ. ಅದರಲ್ಲಿ ಅವನು ಬರೆದದ್ದು 'ಇನ್'. ಕರಡು ಸಮಿತಿಯಲ್ಲಿದ್ದ ಜಾನ್ ಆಡಮ್ಸ್ ತನಗೆ ಅಂತ ಮಾಡಿಕೊಂಡ ನಕಲಿನಲ್ಲಿ ಇರೋದು 'ಅನ್'. ಜುಲೈ 4ರ ರಾತ್ರಿ ಫಿಲಡೆಲ್ಫಿಯಾದ ಜಾನ್ ಡನ್‌ಲ್ಯಾಪ್ ಅನ್ನೋ ಮುದ್ರಕ ಅವಸರದಲ್ಲಿ ಅಚ್ಚು ಹಾಕಿದಾಗ 'ಅನ್' ಬಂತು, ಆಮೇಲೆ ಚರ್ಮದ ಮೇಲೆ ಚೆಂದವಾಗಿ ಬರೆದಾಗಲೂ ಅದೇ ಉಳಿಯಿತು. ಮುದ್ರಣದ ಉಸ್ತುವಾರಿಯಲ್ಲಿ ಆಡಮ್ಸ್ ಇದ್ದ, ಆತನ ಕೈವಾಡ ಇರಬಹುದು ಅಂತ ಇತಿಹಾಸಕಾರ ಕಾರ್ಲ್ ಬೆಕರ್ 1922ರಲ್ಲಿ ಊಹಿಸಿದ. ಊಹೆ ಅಷ್ಟೇ. ಸ್ಮಾರಕ ಕಟ್ಟಿದವರು ಜೆಫರ್ಸನ್‌ನ ಪದವನ್ನ ಅವನಿಗೇ ವಾಪಸ್ ಕೊಟ್ಟರು ಅಂತ ಬೇಕಾದರೆ ಅಂದುಕೊಳ್ಳಬಹುದು.

ನನಗೆ ಈ ಎರಡಕ್ಷರದ ಜಗಳಕ್ಕಿಂತ ಹೆಚ್ಚು ಕಾಡಿದ್ದು ನಡುವೆ ಇರೋ 'ಏಲಿಯನ್'. ಆ ಪದದ ಹಿಂದೆ ಬೀಳೋದಕ್ಕೆ ಕಾರಣ ಅಮೆರಿಕ ಅಲ್ಲ, ದೊಡ್ಡಬಳ್ಳಾಪುರದ ಕಡೆಯ ಒಂದೂವರೆ ಎಕರೆ.

ಗೆಳೆಯನೊಬ್ಬ ತೋಟ ಮಾಡ್ತೀನಿ ಅಂತ ಹೊರಟಿದ್ದ. ವೀಕೆಂಡ್ ರೈತ. ಜಮೀನು ಇಷ್ಟವಾಯ್ತು, ರೇಟೂ ಕುದುರಿತು. ಪಹಣಿ, ಇ.ಸಿ., ಹಳೇ ಸಾಗುವಳಿ ಚೀಟಿ ಎಲ್ಲ ಸೇರಿಸಿ ಲಾಯರ್ ಹತ್ರ ತಗೊಂಡು ಹೋದ್ವಿ. ಅವರು ಸಾಗುವಳಿ ಚೀಟಿ ತಿರುವಿ ಒಂದು ಷರತ್ತಿನ ಮೇಲೆ ಬೆರಳಿಟ್ಟರು. ಜಮೀನನ್ನು ಪರಭಾರೆ ಮಾಡತಕ್ಕದ್ದಲ್ಲ. "ಇದು ಪಿಟಿಸಿಎಲ್ ಜಮೀನು ಸಾರ್. ಮುಟ್ಟಬೇಡಿ."

ಗೆಳೆಯನಿಗೆ ಸಿಟ್ಟು. "ಅವರಿಗೆ ಮಾರೋಕಿಷ್ಟ, ನಂಗೆ ತಗೊಳೋಕಿಷ್ಟ. ಮಧ್ಯದಲ್ಲಿ ಸರ್ಕಾರಕ್ಕೇನೋ ಕಷ್ಟ?"

ಅವತ್ತು ರಾತ್ರಿ ಸುಮ್ಮನೆ ಹುಡುಕಿದೆ. ಪರಭಾರೆಗೆ ಕಾನೂನಿನ ಇಂಗ್ಲಿಷ್ ಪದ 'ಏಲಿಯನೇಷನ್'. ಲ್ಯಾಟಿನ್ನಿನಲ್ಲಿ 'ಏಲಿಯನಸ್' ಅಂದ್ರೆ ಪರರದ್ದು, ಇನ್ನೊಬ್ಬರಿಗೆ ಸೇರಿದ್ದು. ಅನ್ಯಗ್ರಹದ ಜೀವಿಯೂ ಅಲ್ಲಿಂದಲೇ ಬಂದದ್ದು, ನಮ್ಮವರು ಅಮೆರಿಕದ ವೀಸಾ ಫಾರಂಗಳಲ್ಲಿ 'ಏಲಿಯನ್' ಆಗೋದೂ ಅಲ್ಲಿಂದಲೇ. ಕನ್ನಡದ ರೆವಿನ್ಯೂ ಪದದಲ್ಲೂ ಮೊದಲು ಕೂತಿರೋದು 'ಪರ'. ರೋಮಿನ ವಕೀಲನೂ ನಮ್ಮ ಶಾನುಭೋಗನೂ ಒಂದೇ ಥರ ಯೋಚಿಸಿದ್ದಾರೆ. ಹಾಗಾದರೆ ಅಮೆರಿಕದ ಘೋಷಣೆಯ ಆ ಗಂಭೀರ ವಿಶೇಷಣಕ್ಕೆ ಅಚ್ಚ ಕನ್ನಡದ ಕಚೇರಿ ಭಾಷೆಯಲ್ಲಿ ಏನರ್ಥ? ಪರಭಾರೆ ಮಾಡತಕ್ಕದ್ದಲ್ಲ.

ಇದನ್ನ ತಮಾಷೆಗೆ ಹೇಳ್ತಿಲ್ಲ. ಪದ ನಿಜವಾಗಿಯೂ ಆಸ್ತಿಯ ಲೋಕದ್ದೇ. ಫ್ರಾನ್ಸಿನಲ್ಲಿ 1566ರ ಮುಲಾ ಶಾಸನ ರಾಜನ ಭೂಮಿಯನ್ನು ಪರಭಾರೆ ಮಾಡುವಂತಿಲ್ಲ ಅಂತ ಸಾರಿತ್ತು. ಭೂಮಿ ರಾಜಪೀಠದ್ದು, ಅದರ ಮೇಲೆ ಕೂತ ರಾಜನದ್ದಲ್ಲ, ಹಾಗಾಗಿ ಅವನು ಮಾರೋ ಹಾಗಿಲ್ಲ. ಈ ಪದವನ್ನ ಜಮೀನಿನಿಂದ ಎತ್ತಿ ಮನುಷ್ಯನ ಮೇಲಿಟ್ಟವರಲ್ಲಿ ಮುಖ್ಯ ಹೆಸರು ಫ್ರಾನ್ಸಿಸ್ ಹಚ್‌ಸನ್. ಐರ್ಲೆಂಡಿನಲ್ಲಿ ಹುಟ್ಟಿ ಗ್ಲಾಸ್ಗೋದಲ್ಲಿ ಪಾಠ ಮಾಡಿದವನು. 1725ರ ತನ್ನ ಪುಸ್ತಕದಲ್ಲಿ ಹಕ್ಕುಗಳನ್ನ ಎರಡು ಗುಂಪು ಮಾಡಿದ: ದಾಟಿಸಬಹುದಾದವು, ದಾಟಿಸಲಾಗದವು. ಎತ್ತು, ಮನೆ, ದುಡಿಮೆ ಇವನ್ನ ಇನ್ನೊಬ್ಬರಿಗೆ ಕೊಡಬಹುದು. ಆದರೆ ನನ್ನ ನಂಬಿಕೆಯನ್ನ ಹೇಗೆ ಕೊಡಲಿ? ನೀನು ಹೇಳಿದ್ದನ್ನೇ ಇನ್ನು ಮೇಲೆ ನಿಜ ಅಂದುಕೊಳ್ತೀನಿ ಅಂತ ಬಾಂಡ್ ಪೇಪರ್ ಮೇಲೆ ಸಹಿ ಹಾಕಬಹುದು, ಒಳಗಿನ ಮನಸ್ಸು ಸಹಿಗೆ ಬಗ್ಗಲ್ಲ. ಅಂದ್ರೆ ಇಲ್ಲಿ ಮಾರಬಾರದು ಅನ್ನೋದಕ್ಕಿಂತ ಮೊದಲು ಮಾರೋಕಾಗಲ್ಲ ಅನ್ನೋದಿದೆ.

ಈ ವಿಶೇಷಣದ ವಿಚಿತ್ರ ಇಲ್ಲಿದೆ. ಕಳ್ಳನಿಂದ ಕಾಪಾಡೋಕೆ ಬೇರೆ ಪದಗಳಿವೆ. ಇದು ಕಾಪಾಡೋದು ಮಾಲೀಕನನ್ನ ಅವನ ಕೈಯಿಂದಲೇ.

ಈಗ ಮತ್ತೆ 1776ಕ್ಕೆ. ಈ ವರ್ಷದ ಬಗ್ಗೆ ಶಾಲೆಯಲ್ಲಿ ಓದಿದ್ದು ಜುಲೈವರೆಗೆ ಮಾತ್ರ. ಅಕ್ಟೋಬರ್‌ನಲ್ಲಿ ಏನಾಯ್ತು ಅಂತ ಗೊತ್ತಾದಾಗ ನಾನು ಸ್ವಲ್ಪ ಹೊತ್ತು ಲ್ಯಾಪ್‌ಟಾಪ್ ಮುಚ್ಚಿಟ್ಟೆ.

ಜೆಫರ್ಸನ್ ಫಿಲಡೆಲ್ಫಿಯಾ ಬಿಟ್ಟು ತನ್ನ ವರ್ಜೀನಿಯಾದ ಶಾಸನಸಭೆಗೆ ಬಂದ. ಬಂದವನೇ ಒಂದು ಮಸೂದೆ ಮಂಡಿಸಿದ. ಆಗ ವರ್ಜೀನಿಯಾದಲ್ಲಿ 'ಎಂಟೇಲ್' ಅನ್ನೋ ಪದ್ಧತಿ ಇತ್ತು. ಆಸ್ತಿಯನ್ನ ವಂಶಕ್ಕೆ ಗಂಟು ಹಾಕೋದು. ತಾತ ಹಾಗೆ ಬರೆದಿಟ್ಟು ಹೋದರೆ ಮಗ, ಮೊಮ್ಮಗ ಫಸಲು ಉಣ್ಣಬಹುದು, ಜಮೀನು ಮಾರೋ ಹಾಗಿಲ್ಲ, ಸಾಲಗಾರ ಜಪ್ತಿ ಮಾಡೋ ಹಾಗಿಲ್ಲ. ಅಂದ್ರೆ, ಪರಭಾರೆ ಮಾಡತಕ್ಕದ್ದಲ್ಲ. ಕೆಲವು ಮನೆತನಗಳೇ ತಲೆತಲಾಂತರ ಭೂಮಿ ಹಿಡಿದು ಕೂರೋದಕ್ಕೆ ಇದೇ ಮೂಲ ಅಂತ ಜೆಫರ್ಸನ್‌ಗೆ ಅನ್ನಿಸಿತ್ತು. ಅದು ಸರಿಯೂ ಹೌದು. ಮಸೂದೆ ಪಾಸಾಯ್ತು. ಆದರೆ ಆ ಕಾಯ್ದೆಯ ಹೆಸರಲ್ಲೇ ಜಮೀನಿನ ಪಕ್ಕ ಇನ್ನೊಂದು ಪದ ಇದೆ: ಗುಲಾಮರು. ವರ್ಜೀನಿಯಾದಲ್ಲಿ ಗುಲಾಮರನ್ನೂ ಜಮೀನಿನ ಜೊತೆ ವಂಶಕ್ಕೆ ಗಂಟು ಹಾಕಬಹುದಿತ್ತು. ಗಂಟು ಬಿಚ್ಚಿದ ಮೇಲೆ ಇಬ್ಬರೂ ಮಾರಾಟಕ್ಕೆ ಮುಕ್ತ, ಮಣ್ಣೂ ಮನುಷ್ಯರೂ.

ಅದೇ ಪೆನ್ನು, ಅದೇ ವರ್ಷ. ಬೇಸಿಗೆಯಲ್ಲಿ ಹಕ್ಕುಗಳನ್ನ ಮಾರಲಾಗದ್ದು ಮಾಡಿತು, ಚಳಿಗಾಲದ ಹೊತ್ತಿಗೆ ಮನುಷ್ಯರನ್ನ ಇನ್ನಷ್ಟು ಸಲೀಸಾಗಿ ಮಾರಬಹುದಾದವರನ್ನಾಗಿ ಮಾಡಿತು. ಎಂಟೇಲ್ ಗುಲಾಮರಿಗೆ ವರವಾಗಿತ್ತು ಅಂತ ಹೇಳ್ತಿಲ್ಲ, ಗುಲಾಮಗಿರಿಯಲ್ಲಿ ವರ ಎಲ್ಲಿಂದ? ಆದರೆ ಗಂಡ, ಹೆಂಡತಿ, ಮಕ್ಕಳು ಒಂದೇ ತೋಟದಲ್ಲಿ ಉಳಿಯೋದಕ್ಕೆ ಇದ್ದ ಒಂದು ಸಣ್ಣ ಸಾಧ್ಯತೆಯೂ ಹೋಯ್ತು.

ಇವರಿಗೆ ಈ ವಿರೋಧಾಭಾಸ ಕಾಣಿಸಲಿಲ್ಲ ಅಂದುಕೊಳ್ಳಬೇಡಿ. ಚೆನ್ನಾಗೇ ಕಾಣಿಸಿತ್ತು. ಜೆಫರ್ಸನ್‌ನ ಘೋಷಣೆಗಿಂತ ಕೆಲವೇ ವಾರ ಮೊದಲು, ಅದೇ ಜೂನ್‌ನಲ್ಲಿ, ವರ್ಜೀನಿಯಾ ತನ್ನದೇ ಹಕ್ಕುಗಳ ಘೋಷಣೆ ಹೊರಡಿಸಿತ್ತು. ಬರೆದವನು ಜಾರ್ಜ್ ಮೇಸನ್. ಮನುಷ್ಯರು ತಮ್ಮ ಸಹಜ ಹಕ್ಕುಗಳನ್ನ ಯಾವ ಕರಾರಿನಿಂದಲೂ ತಮ್ಮ ಸಂತತಿಗೆ ಇಲ್ಲದ ಹಾಗೆ ಮಾಡಲಾರರು ಅನ್ನೋದು ಅದರ ಸಾರ. ಸಭೆಯಲ್ಲಿ ಗದ್ದಲವಾಯ್ತು, ಇದು ನಮ್ಮ ಗುಲಾಮರಿಗೂ ಅನ್ವಯವಾದರೆ ಏನು ಗತಿ ಅಂತ. ಕೊನೆಗೆ ಒಂದು ಚಿಕ್ಕ ತುಣುಕು ಸೇರಿಸಿದರು: ಅವರು ಸಮಾಜದ ಸ್ಥಿತಿಗೆ ಪ್ರವೇಶಿಸಿದಾಗ. ಗುಲಾಮರು ಸಮಾಜದೊಳಗೆ ಬಂದವರೇ ಅಲ್ಲ ಅಂತ ಲೆಕ್ಕ. ನಮ್ಮ ಅಗ್ರಿಮೆಂಟ್‌ಗಳಲ್ಲಿ ಕೊನೇ ಪುಟದ ಸಣ್ಣಕ್ಷರ ಇರುತ್ತಲ್ಲ, ಆ ಜಾಣತನ.

ಆದರೆ ಪದಗಳು ಬರೆದವರ ಮಾತು ಕೇಳಲ್ಲ. ಮ್ಯಾಸಚೂಸೆಟ್ಸ್ 1780ರಲ್ಲಿ ತನ್ನ ಸಂವಿಧಾನ ಜಾರಿಗೆ ತಂದಿತು. ಕರಡು ಆಡಮ್ಸ್‌ದು, ಹಾಗಾಗಿ ಮೊದಲನೇ ವಿಧಿಯಲ್ಲೇ 'ಅನ್‌ಏಲಿಯನಬಲ್' ಇದೆ, ಎಲ್ಲರೂ ಹುಟ್ಟಿನಿಂದ ಸ್ವತಂತ್ರರು, ಸಮಾನರು ಅನ್ನೋ ಮಾತಿನ ಜೊತೆಗೆ. ಶೆಫೀಲ್ಡ್ ಅನ್ನೋ ಊರಲ್ಲಿ ಜಾನ್ ಆಶ್ಲಿ ಎಂಬ ಸಿರಿವಂತನ ಮನೆಯಲ್ಲಿ ಬೆಟ್ ಅನ್ನೋ ಹೆಂಗಸು ಗುಲಾಮಳಾಗಿದ್ದಳು. ಓದು ಬರಹ ಇಲ್ಲ. ಆದರೆ ಅವಳ ಕಿವಿಗೆ ಬೀಳುವ ಹಾಗೆ ಆ ಮನೆಯಲ್ಲಿ ದೊಡ್ಡವರು ಹಕ್ಕುಗಳ ಬಗ್ಗೆ ಮಾತಾಡ್ತಿದ್ದರು. ಒಂದು ದಿನ ಮನೆಯೊಡತಿ ಕಾದ ಸಲಿಕೆ ಎತ್ತಿ ಇನ್ನೊಬ್ಬಳಿಗೆ ಹೊಡೆಯಲು ಬಂದಾಗ ಬೆಟ್ ಅಡ್ಡ ನಿಂತಳು, ಏಟು ಅವಳ ತೋಳಿಗೆ ಬಿತ್ತು ಅಂತ ಅವಳ ಕಥೆ ಬರೆದವರು ಹೇಳ್ತಾರೆ. ಅವಳು ಥಿಯೋಡರ್ ಸೆಡ್ಜ್‌ವಿಕ್ ಅನ್ನೋ ವಕೀಲನ ಹತ್ರ ಹೋದಳು. ಎಲ್ಲರೂ ಸ್ವತಂತ್ರರು ಅಂತ ಬರೆದಿದ್ದಾರಂತೆ, ನಾನು ಅದರಲ್ಲಿ ಸೇರಲ್ವಾ ಅನ್ನೋದು ಅವಳ ಕೇಸಿನ ತಿರುಳು. 1781ರ ಆಗಸ್ಟ್‌ನಲ್ಲಿ ಗ್ರೇಟ್ ಬ್ಯಾರಿಂಗ್ಟನ್ ಕೋರ್ಟಿನ ಜ್ಯೂರಿ ಅವಳ ಪರ ತೀರ್ಪು ಕೊಟ್ಟಿತು, ಜೊತೆಗೆ 30 ಶಿಲಿಂಗ್ ಪರಿಹಾರ. ಅವಳು ಎಲಿಜಬೆತ್ ಫ್ರೀಮನ್ ಅಂತ ಹೆಸರಿಟ್ಟುಕೊಂಡಳು. ಈ ಪದವನ್ನ ಓದಲು ಬಾರದವಳು ಅದನ್ನ ಬರೆದವರಿಗಿಂತ ಸರಿಯಾಗಿ ಅರ್ಥ ಮಾಡಿಕೊಂಡಿದ್ದಳು ಅಂತ ನನಗನ್ನಿಸುತ್ತೆ.

ಜೆಫರ್ಸನ್ ಮನೆಯ ಕಥೆ ಹೀಗೆ ಮುಗಿಯಲಿಲ್ಲ. ಅವನು ತೀರಿಕೊಂಡಿದ್ದು 1826ರ ಜುಲೈ 4ರಂದು, ಘೋಷಣೆಯ 50ನೇ ವರ್ಷದ ದಿನ. ಆಡಮ್ಸ್ ಹೋದದ್ದೂ ಅದೇ ದಿನ. ಬಿಟ್ಟುಹೋದ ಸಾಲ 1 ಲಕ್ಷ ಡಾಲರಿಗೂ ಮೇಲೆ. ಉಯಿಲಿನಲ್ಲಿ ಬಿಡುಗಡೆ ಮಾಡಿದ್ದು ಐದೇ ಜನರನ್ನ. ಅವರಲ್ಲೊಬ್ಬ ಕಮ್ಮಾರ ಜೋಸೆಫ್ ಫಾಸೆಟ್. ಅವನ ಹೆಂಡತಿ ಈಡಿತ್, ಜೆಫರ್ಸನ್ ಅಧ್ಯಕ್ಷನಾಗಿದ್ದಾಗ ವಾಷಿಂಗ್ಟನ್ನಿನಲ್ಲಿ ಫ್ರೆಂಚ್ ಅಡುಗೆ ಕಲಿತು ಬಂದವಳು, ಆ ಐದರಲ್ಲಿ ಇರಲಿಲ್ಲ. ಮಕ್ಕಳೂ ಇರಲಿಲ್ಲ. 1827ರ ಜನವರಿಯ ಚಳಿಯಲ್ಲಿ ಮಾಂಟಿಸೆಲೊ ಮನೆಯಲ್ಲಿ ಹರಾಜು ನಡೆಯಿತು. ಪಾತ್ರೆ ಪಗಡ, ದನ ಕರು, ಮತ್ತೆ 130 ಜನ. ಜೋಸೆಫ್‌ನ ಮಗ ಪೀಟರ್‌ಗೆ ಆಗ 11 ವರ್ಷ. ಅವನನ್ನ ಬೇರೆಯವರು ಕೊಂಡುಕೊಂಡರು. ಅಪ್ಪ ಸ್ವತಂತ್ರ, ಮಗ ಸರಕು.

ಜೋಸೆಫ್ ಕುಲುಮೆ ಕೆಲಸ ಮಾಡಿ ದುಡ್ಡು ಕೂಡಿಸಿ ಹೆಂಡತಿಯನ್ನ, ಕೆಲವು ಮಕ್ಕಳನ್ನ ಬಿಡಿಸಿಕೊಂಡ. ಪೀಟರ್ ಸಿಗಲಿಲ್ಲ. ಹುಡುಗ ಕದ್ದು ಅಕ್ಷರ ಕಲಿತ, ಎರಡು ಸಲ ಓಡಿಹೋಗಿ ಸಿಕ್ಕಿಬಿದ್ದ, 1850ರ ಹೊತ್ತಿಗೆ ಮತ್ತೆ ಹರಾಜಿಗೆ ನಿಂತ. ಆಗ ನೆಂಟರು, ಗೆಳೆಯರು ಸೇರಿ ಬಿಡಿಸಿದರು. ಸಿನ್ಸಿನಾಟಿಗೆ ಹೋಗಿ ಅಡುಗೆ ಕಾಂಟ್ರಾಕ್ಟ್ ಹಿಡಿದ, ಪಾದ್ರಿಯಾದ, ಓಡಿಬಂದವರಿಗೆ ದಾರಿ ತೋರಿಸಿದ. 1900ರಲ್ಲಿ, 85ರ ಹತ್ತಿರದ ವಯಸ್ಸಿನಲ್ಲಿ, ಮಾಂಟಿಸೆಲೊ ನೋಡಲು ವಾಪಸ್ ಹೋಗಿದ್ದ. ಈ ಸಲ ಅತಿಥಿಯಾಗಿ.

ಇಷ್ಟೆಲ್ಲ ಓದಿದ ಮೇಲೆ ಗೆಳೆಯನ ಪಹಣಿ ನೆನಪಾಯ್ತು. ಹಳೇ ಮೈಸೂರಿನ ಕಾಲದಿಂದಲೂ ದಲಿತರಿಗೆ ಮಂಜೂರಾದ ಜಮೀನಿಗೆ ಮಾರಬಾರದು ಅನ್ನೋ ಷರತ್ತು ಇರ್ತಿತ್ತು. ಷರತ್ತು ಕಾಗದದ ಮೇಲೆ, ಜಮೀನು ಸಾಹುಕಾರರ ಕೈಯಲ್ಲಿ. ಮದುವೆ, ಕಾಯಿಲೆ, ಕೈಸಾಲ, ಒಂದು ಹೆಬ್ಬೆಟ್ಟು, ಮುಗೀತು. 1978ರಲ್ಲಿ ಕರ್ನಾಟಕ ಸರ್ಕಾರ ಕಾಯ್ದೆ ತಂದಿತು. ಷರತ್ತು ಮುರಿದು ಆದ ಮಾರಾಟ ಅನೂರ್ಜಿತ, ಜಮೀನು ಮೂಲ ಮಂಜೂರಿದಾರನಿಗೆ ಅಥವಾ ವಾರಸುದಾರರಿಗೆ ವಾಪಸ್, ಇನ್ನು ಮುಂದೆ ಸರ್ಕಾರದ ಅನುಮತಿ ಇಲ್ಲದೆ ಮಾರೋ ಹಾಗಿಲ್ಲ. ಕೊಂಡವರು ಸುಪ್ರೀಂ ಕೋರ್ಟಿಗೆ ಹೋದರು, 1984ರ ಮಂಚೇಗೌಡ ಪ್ರಕರಣದಲ್ಲಿ ಕೋರ್ಟು ಕಾಯ್ದೆಯನ್ನ ಎತ್ತಿಹಿಡಿಯಿತು. ಎಷ್ಟು ವರ್ಷದೊಳಗೆ ವಾಪಸ್ ಕೇಳಬೇಕು ಅನ್ನೋ ಜಗಳ ಆಮೇಲೂ ನಡೀತು, ಅದಕ್ಕೆ ಕಾಲಮಿತಿ ಇಲ್ಲ ಅಂತ 2023ರಲ್ಲಿ ತಿದ್ದುಪಡಿ ಬಂತು. ಹಚ್‌ಸನ್ ಮನಸ್ಸಿನ ಬಗ್ಗೆ ಹೇಳಿದ್ದನ್ನ ನಮ್ಮ ಕಾನೂನು ಒಂದೂವರೆ ಎಕರೆಗೆ ಹೇಳ್ತಿದೆ. ನೀನು ಒಪ್ಪಿ ಸಹಿ ಹಾಕಿದರೂ ಆ ಸಹಿ ನಡೆಯಲ್ಲ, ಯಾಕಂದ್ರೆ ಯಾವ ಕಷ್ಟದಲ್ಲಿ ಹಾಕ್ತಿದ್ದೀಯ ಅಂತ ನಮಗೆ ಗೊತ್ತು.

ನಾನು ಈ ಕಾಯ್ದೆಯ ಪರ. ಗೆಳೆಯನಿಗೂ ಅದನ್ನೇ ಹೇಳಿದೆ, ಅವನು ಕಾಫಿ ಬಿಲ್ ಕೊಡದೆ ಎದ್ದುಹೋದ.

ಆದರೆ ಅವತ್ತು ಲಾಯರ್ ಆಫೀಸಿಂದ ಹೊರಗೆ ಬಂದಾಗ, ಮೆಟ್ಟಿಲ ಹತ್ರ ಕಾಯ್ತಾ ನಿಂತಿದ್ದ ಜಮೀನಿನ ಯಜಮಾನರಿಗೆ ಆಗಲ್ಲ ಅಂತ ತಿಳಿಸಿದ್ವಿ. ಮಗಳ ಆಪರೇಷನ್‌ಗೆ ದುಡ್ಡು ಬೇಕಿತ್ತಂತೆ. ಅವರು ಟವೆಲ್ಲಿಂದ ಮುಖ ಒರೆಸಿಕೊಂಡು ಕೇಳಿದ್ದು ಇಷ್ಟೇ: "ನಂದೇ ಜಮೀನು ಅಂತೀರ, ಮಾರಂಗಿಲ್ಲ ಅಂತೀರ. ಹಂಗಾದ್ರೆ ಅದು ನಂದು ಹೆಂಗಾಯ್ತು ಸ್ವಾಮಿ?"